ಮರೆಯ ಜಲಪಾತದ ಮೆಟ್ಟಿಲುಗಳು

ವ್ಯಾನಿನ ಹಿಂಬಾಗಿಲು ತೆರೆಯಿತು. ಹನ್ನೆರಡು ಪರಕಾಯಗಳು ಒಂದರ ಹಿಂದೊಂದು ಕಾಲು ಚಾಚಿ, ಮಂಡಿ ಮಡಿಸಿ, ಕಪ್ಪು ಕಲ್ಲಿನ ಬಯಲಿಗೆ ಇಳಿದವು. ಎಲ್ಲವೂ ಆಳಿನ ಎದೆಮಟ್ಟದ ಬೂದುಬಣ್ಣದ ಯಂತ್ರಗಳು. ಮುಖವಿರಬೇಕಾದಲ್ಲಿ ಎರಡು ಗಾಜಿನ ಕಣ್ಣು, ಎದೆಯ ಮೇಲೊಂದು ಸಂಖ್ಯೆ. ಮಾರ್ಗದರ್ಶಿ ಸಿಗ್ರುನ್ ಬೆರಳು ಮಡಿಸುತ್ತ ಎಣಿಸಿದಳು.

"ಏಳನೆಯವರೇ, ನೋಡಿಕೊಂಡು ನಡೆಯಿರಿ. ಪಾಚಿಯ ಕೆಳಗೆ ಕಲ್ಲು ಜಾರುತ್ತದೆ."

ಏಳನೆಯದರೊಳಗೆ ನೀಲಾಂಬಿಕೆ ಇದ್ದರು. 'ಒಳಗೆ' ಎನ್ನುವುದು ಮಾತಿಗೆ. ಅವರ ಮೈ ವಿಜಯಪುರದ ನಗರ ಗ್ರಂಥಾಲಯದ ಎರಡನೆಯ ಮಹಡಿಯಲ್ಲಿ, ಪ್ರಯಾಣ ಕೋಣೆಯ ಒರಗುಕುರ್ಚಿಯ ಮೇಲಿತ್ತು. ಕಣ್ಣಿಗೆ ಕಣ್ಪಟ್ಟಿ, ಕೈಗಳಿಗೆ ಸ್ಪರ್ಶಗವಸು, ಪಾದದಡಿ ನಡೆಹಲಗೆ. ಇಲ್ಲಿ ಅವರು ಹೆಜ್ಜೆ ಎತ್ತಿದರೆ ಐಸ್‌ಲ್ಯಾಂಡಿನಲ್ಲಿ ಪರಕಾಯ ಹೆಜ್ಜೆ ಎತ್ತುತ್ತಿತ್ತು; ಅಲ್ಲಿ ಅದು ಕಲ್ಲು ಮುಟ್ಟಿದರೆ ಇಲ್ಲಿ ಇವರ ಅಂಗೈಗೆ ತಣ್ಣಗಾಗುತ್ತಿತ್ತು. ಸಿಗ್ರುನ್ ತನ್ನ ಭಾಷೆಯಲ್ಲಿ ಆಡಿದ್ದನ್ನು ನುಡಿಮಾರುಗವೆಂಬ ಸಣ್ಣ ಪೆಟ್ಟಿಗೆ ಕನ್ನಡ ಮಾಡಿ ಕಿವಿಗೆ ಹಾಕುತ್ತಿತ್ತು. ರೇಡಿಯೊದಲ್ಲಿ ವಾರ್ತೆ ಓದುವವರ ಕನ್ನಡ ಅದು. ವಿಜಯಪುರದ ಕಿವಿಗೆ ಸ್ವಲ್ಪ ನಗೆ ತರಿಸುವಂಥದು.

ಭೂಮಿಯ ಕಾವು ಏರುವುದನ್ನು ತಡೆಯಲು ದೂರದ ವಿಮಾನಗಳನ್ನು ನಿಲ್ಲಿಸಿ ಆಗಲೇ ಇಪ್ಪತ್ತೆರಡು ವರ್ಷ. ಔಷಧಿಗೆ, ವಿಪತ್ತಿಗೆ ಮಾತ್ರ ಹಾರಾಟ. ಲೋಕ ನೋಡುವ ಆಸೆಯನ್ನು ಕಾನೂನು ನಿಲ್ಲಿಸಲಾರದಲ್ಲ. ಅದಕ್ಕೆ ಪರಕಾಯ ಬಂತು. ಪುಸ್ತಕದ ಹಾಗೆ ಗ್ರಂಥಾಲಯದಲ್ಲಿ ಹೆಸರು ಬರೆಸಬೇಕು. ಒಬ್ಬರಿಗೆ ಆರು ಪ್ರಯಾಣ, ಆಮೇಲೆ ಮತ್ತೆ ಮೂರು ವರ್ಷ ಸರದಿ ಕಾಯಬೇಕು.

ನೀಲಾಂಬಿಕೆ ಮೂವತ್ತೊಂದು ವರ್ಷ ಕಾಲೇಜಿನ ಭೂವಿಜ್ಞಾನ ವಿಭಾಗದಲ್ಲಿ ಕಲ್ಲುಗಳಿಗೆ ಚೀಟಿ ಅಂಟಿಸುವ ಕೆಲಸದಲ್ಲಿದ್ದರು. ಅವರ ಮೇಜಿನೆದುರಿನ ಗೋಡೆಯ ಮೇಲೊಂದು ಚಿತ್ರವಿತ್ತು: ಆರು ಮೂಲೆಯ ಕಪ್ಪು ಕಂಬಗಳ ನಡುವಿನಿಂದ ಬೀಳುವ ಒಂದು ಜಲಪಾತ. ದಿನವೂ ಅದರ ಧೂಳೊರೆಸಿದ್ದರು. ಮದುವೆಯಾಗಿರಲಿಲ್ಲ, ಮನೆಯಲ್ಲಿ ಕಾಯುವವರಿರಲಿಲ್ಲ. ಸಂಜೆ ಬೀಗ ಹಾಕುವ ಮುಂಚೆ ಅದನ್ನೊಮ್ಮೆ ನೋಡಿ ಹೊರಡುವುದು ರೂಢಿಯಾಗಿತ್ತು. ನಿವೃತ್ತಿಯಾಗಿ ಎರಡು ವರ್ಷಕ್ಕೆ, ಆ ಜಲಪಾತವನ್ನು ಒಮ್ಮೆ ಎದುರಿಗೆ ನಿಂತು ನೋಡಬೇಕೆಂದೇ ಹೆಸರು ಬರೆಸಿದ್ದರು.

ಕೆಳಗಿನಿಂದ ಕಾಣದ ಕಾರಣ ಅಲ್ಲಿಯವರು ಅದನ್ನು ಮರೆಯ ಜಲಪಾತ ಎನ್ನುತ್ತಿದ್ದರು. ಇನ್ನೂರ ಹನ್ನೆರಡು ಮೆಟ್ಟಿಲು ಹತ್ತಿದ ಮೇಲೇ ಅದು ಎದುರಾಗುವುದು. ದಿನದ ಪ್ರವಾಸದಲ್ಲಿ ಅದೇ ಕೊನೆಯದು.

ಬಯಲಿನಲ್ಲಿ ನೀಲಾಂಬಿಕೆ ಬಗ್ಗಿ ಒಂದು ಕಲ್ಲೆತ್ತಿದರು. ಮೈತುಂಬ ಸಣ್ಣ ತೂತು, ತೂಕ ಕಡಿಮೆ.

"ಇದು ನಮ್ಮ ಊರಾಗೂ ಅದ ರೀ," ಎಂದರು. "ನಮ್ಮ ನೆಲನೂ ಲಾವಾ ಹರಿದು ಆಗಿದ್ದು. ಆರೂವರೆ ಕೋಟಿ ವರ್ಷ ಆತು."

"ನಿಮ್ಮ ಕೈಯಲ್ಲಿರುವುದಕ್ಕೆ ಮುನ್ನೂರು ವರ್ಷ," ಎಂದಳು ಸಿಗ್ರುನ್. "ನಿಮ್ಮೂರ ಕಲ್ಲಿನ ಮುಂದೆ ಇದಿನ್ನೂ ತೊಟ್ಟಿಲ ಕೂಸು. ಮೆಲ್ಲಗೆ ಹಿಡಿಯಿರಿ."

ಆಕೆಗೆ ಐವತ್ತರ ಆಸುಪಾಸು. ಅಗಲ ಭುಜ, ಮೊಳಕೈಯಲ್ಲಿ ಹೊಲಿಗೆ ಹಾಕಿದ ಉಣ್ಣೆಯಂಗಿ. ಜ್ವಾಲಾಮುಖಿಯ ಕುಣಿಯ ಬಾಯಿ, ಹಬೆಯುಗುಳುವ ಬಿರುಕು, ಹಾಲುನೀಲಿ ಕೆರೆ, ಎಲ್ಲವನ್ನೂ ತೋರಿಸಿದಳು. ಪರಕಾಯಗಳು ನೋಡಿದವು, ತಲೆಯಾಡಿಸಿದವು. ನಕ್ಕವರ ನಗು ಅವರವರ ಊರಿನಲ್ಲೇ ಉಳಿಯಿತು.

ಅಲ್ಲಿಯ ಹನ್ನೆರಡು ಗಂಟೆಗೆ ಊಟದ ಬಿಡುವು. ಪ್ರವಾಸಿಗಳು ಕಣ್ಪಟ್ಟಿ ತೆಗೆದು ಅವರವರ ಊರಿನಲ್ಲಿ ಊಟಕ್ಕೋ ಚಹಾಕ್ಕೋ ಎದ್ದುಹೋಗುವರು. ಪರಕಾಯಗಳು ವಿದ್ಯುತ್ ತುಂಬುವ ಗೂಟಕ್ಕೆ ಬೆನ್ನು ಕೊಟ್ಟು, ತಲೆ ತಗ್ಗಿಸಿ, ಮುಕ್ಕಾಲು ಗಂಟೆ ನಿಂತಿರುವವು. ನುಡಿಮಾರುಗವೂ ಬಂದ್. ಆಗಲಾದರೂ ಮಾರ್ಗದರ್ಶಿಗೆ ಮಾತಿನಿಂದ ವಿರಾಮ ಸಿಗಲಿ ಎಂದು ಯಾರೋ ಒಳ್ಳೆಯವರು ಮಾಡಿದ ನಿಯಮವದು.

ನೀಲಾಂಬಿಕೆಯೂ ಕಣ್ಪಟ್ಟಿಗೆ ಕೈ ಹಾಕಿದ್ದರು. ಅಷ್ಟರಲ್ಲಿ ಸಿಗ್ರುನ್ ದೂರದ ಹಲಗೆಯ ಬೆಂಚಿನ ಮೇಲೆ ಕುಳಿತು, ತಲೆ ತಗ್ಗಿಸಿ ನಿಂತ ಹನ್ನೊಂದು ಯಂತ್ರಗಳಿಗೆ ಬೆನ್ನು ಹಾಕಿ, ಡಬ್ಬಿ ಬಿಚ್ಚುವುದು ಕಂಡಿತು. ಹಿಂದೆ ಆ ಬೆಂಚುಗಳ ತುಂಬ ಜನ ಕೂರುತ್ತಿದ್ದಿರಬೇಕು. ಸಾಲಾಗಿ ಒಂಬತ್ತು ಬೆಂಚುಗಳಿದ್ದವು.

ವಿಜಯಪುರದ ಕಡೆ ಒಂದು ಪದ್ಧತಿ. ಪಕ್ಕದಲ್ಲಿ ಒಬ್ಬರಿದ್ದಾಗ ಕರೆಯದೆ ತುತ್ತೆತ್ತಬಾರದು. ಒಬ್ಬರು ಉಣ್ಣುತ್ತಿರುವಾಗ ಇನ್ನೊಬ್ಬರು ಎದ್ದುಹೋಗಬಾರದು. ಡಬ್ಬಿ ಬಿಚ್ಚಿಯಾಗಿದೆ, ಇನ್ನು ಏಳುವುದು ಹೇಗೆ? ನೀಲಾಂಬಿಕೆ ಗೂಟ ಬಿಟ್ಟು ನಡೆದುಬಂದು ಆಕೆಯ ಎದುರು ಕುಳಿತರು. ಇಲ್ಲಿ, ಸಂಜೆ ಐದೂವರೆಯ ಗ್ರಂಥಾಲಯದಲ್ಲಿ, ಬಲಗೈ ಗವಸಿನ ಮೇಲೊಂದು ಪ್ಲಾಸ್ಟಿಕ್ ಚೀಲ ಎಳೆದುಕೊಂಡು ತಮ್ಮ ಬುತ್ತಿ ತಡಕಿ ಬಿಚ್ಚಿದರು. ಜೋಳದ ರೊಟ್ಟಿ, ಎಣ್ಣೆಗಾಯಿ, ಶೇಂಗಾ ಚಟ್ನಿ.

"ಬರ್ರಿ, ಊಟ ಮಾಡೋಣು," ಎಂದರು.

ಸಿಗ್ರುನ್ ಬೆಚ್ಚಿಬಿದ್ದಳು. ಆಫಾಗಿರಬೇಕಾದ ಯಂತ್ರ ಎದುರಿಗೆ ಕುಳಿತು ಬರಿಗಾಳಿಯಲ್ಲಿ ಏನನ್ನೋ ಹರಿಯುತ್ತಿದೆ, ಅದ್ದುತ್ತಿದೆ, ಬಾಯಿಲ್ಲದ ಮುಖಕ್ಕೆ ಒಯ್ಯುತ್ತಿದೆ! ಫೋನು ತೆಗೆದು ಕಂಪನಿಗೆ ದೂರು ಕಳಿಸಿಯೇಬಿಟ್ಟಳು. ಕಳಿಸಿದ ಮೇಲೆ ಆ ಕೈಯನ್ನು ಮತ್ತೆ ನೋಡಿದಳು. ನಾಲ್ಕನೆಯ ತುತ್ತಿಗೆ ಆಕೆಗೆ ಅರ್ಥವಾಯಿತು. ಜೋರಾಗಿ ನಕ್ಕಳು. ಆಮೇಲೆ ಮೂಗೊರೆಸಿಕೊಂಡಳು. ತನ್ನ ಒಣಮೀನಿನ ಚೂರೊಂದನ್ನು ಮುಂದೆ ಚಾಚಿದಳು.

"ನಾ ತಿನ್ನಂಗಿಲ್ಲವ್ವಾ," ಎಂದರು ನೀಲಾಂಬಿಕೆ. ಪರಕಾಯಕ್ಕೆ ವಾಸನೆ ತಿಳಿಯದಿದ್ದದ್ದು ಪುಣ್ಯ.

ಇಬ್ಬರಿಗೂ ಪರಸ್ಪರರ ಭಾಷೆಯ ಒಂದಕ್ಷರ ಬಾರದು. ಆದರೂ ಇವರು ಕಲ್ಲಿನ ಸುದ್ದಿ ಹೇಳಿದರು, ಆಕೆ ಏನೋ ಹೇಳಿದಳು. ಅಷ್ಟು ನಿಧಾನವಾಗಿ ಊಟ ಮಾಡಿ ನೀಲಾಂಬಿಕೆಗೆ ಎಷ್ಟು ವರ್ಷವಾಗಿತ್ತೋ. ಮನೆಯಲ್ಲಿ ಅವರು ಒಲೆಯ ಕಟ್ಟೆಗೆ ಒರಗಿ ನಿಂತೇ ಉಣ್ಣುತ್ತಿದ್ದರು.

ಅದರ ಫಲ ಮಧ್ಯಾಹ್ನ ಕಂಡಿತು. ವಿದ್ಯುತ್ ತುಂಬಿಸಿಕೊಳ್ಳದ ಏಳನೆಯ ಪರಕಾಯ ಎರಡು ಗಂಟೆ ಹತ್ತು ನಿಮಿಷಕ್ಕೆ, ಮೆಟ್ಟಿಲುಗಳ ಬುಡದಲ್ಲೇ ನಿಂತುಹೋಯಿತು. ಮೇಲೆಲ್ಲೋ ನೀರು ಬೀಳುವ ಸದ್ದು ಕೇಳಿಸುತ್ತಿತ್ತು. ಕಣ್ಪಟ್ಟಿ ಕಪ್ಪಾಯಿತು. ನೀಲಾಂಬಿಕೆ ಡಬ್ಬಿ ತೊಳೆದು ಮನೆಗೆ ಹೋದರು.

ಎರಡನೆಯ ಸಲ ಗೂಟ ಬಿಟ್ಟು ಕದಲುವುದಿಲ್ಲವೆಂದು ನಿಶ್ಚಯಿಸಿಕೊಂಡೇ ಹೋಗಿದ್ದರು. ಸಿಗ್ರುನ್ ಬೆಂಚಿನ ಮೇಲೆ ಎರಡು ಕರವಸ್ತ್ರ ಹಾಸಿದ್ದಳು, ಎದುರಿಗೊಂದು ಖಾಲಿ ಬಟ್ಟಲು ಇಟ್ಟಿದ್ದಳು. ಏನು ಮಾಡುವುದು! ನೀರೆಲ್ಲಿಗೆ ಹೋಗುತ್ತದೆ, ಮುಂದಿನ ಸಲ ನೋಡಿದರಾಯಿತು ಎಂದುಕೊಂಡು ಹೋಗಿ ಕುಳಿತರು. ಮೂರನೆಯ ಸಲಕ್ಕೆ ಆಕೆ "ಊಟ" ಎನ್ನಲು ಕಲಿತಿದ್ದಳು. ನಾಲ್ಕೂ ಹಾಗೇ ಹೋಯಿತು, ಐದೂ ಹೋಯಿತು.

ಐದನೆಯ ಪ್ರಯಾಣದ ಮರುವಾರ ಗ್ರಂಥಾಲಯದಿಂದ ಕರೆ ಬಂತು. ಪ್ರಯಾಣ ಕೋಣೆಯಲ್ಲಿ ನಲವತ್ತರ ಒಬ್ಬಾತ ಗವಸನ್ನು ತಿರುಗಿಸಿ ಮುರುಗಿಸಿ ನೋಡುತ್ತ ಕುಳಿತಿದ್ದ. ಪರಕಾಯ ಮಾಡುವ ಕಂಪನಿಯ ವಿಜ್ಞಾನಿ, ಡಾಕ್ಟರ್ ತೌಸಿಫ್ ಮುಜಾವರ್, ಇದೇ ಊರಿನವ.

"ಇದೇನ್ರಿ ಮೇಡಂ, ಗವಸಿನ ತುದಿಗೆ ಅರಿಷಿಣ?"

"ಎಣ್ಣೆಗಾಯಿ. ಚೀಲ ಹಾಕ್ಕೊಂಡಿದ್ದೆ, ಹರದಿತ್ತು," ಎಂದರು ನೀಲಾಂಬಿಕೆ. "ತೊಳದ ಕೊಡ್ಲೇನು?"

"ತೊಳದು ಗಿಳದು ಮಾಡಬ್ಯಾಡ್ರಿ ತಾಯಿ, ಒಳಗ ಎರಡು ಸಾವಿರ ತಂತು ಅವ." ಆತ ಗವಸನ್ನು ಬದಿಗಿಟ್ಟ. "ನಾ ಬಂದದ್ದು ಬ್ಯಾರೆ ಕೆಲಸಕ್ಕ. ಮಾರ್ಗದರ್ಶಿ ಮೊದಲ ದಿನ ಒಂದು ದೂರು ಕಳಿಸಿದ್ಲು, ಅದಕ್ಕ ನಿಮ್ಮ ಪರಕಾಯದ ದಾಖಲೆ ನೋಡಿದೆ. ನಿಮಗ ಉಳದದ್ದು ಒಂದ ಪ್ರಯಾಣ. ಆಮ್ಯಾಲ ಮೂರು ವರ್ಷದ ಸರದಿ. ಐದು ಸಲ ಹೋಗಿ ಜಲಪಾತ ನೋಡಿಲ್ಲ ನೀವು. ಖರೇ ಹೌದಲ್ರಿ?"

"ಹೌದು."

"ಇಲ್ಲೊಂದು ಸಹಿ ಮಾಡ್ರಿ. ಹನ್ನೆರಡಕ್ಕ ನಿಮ್ಮ ಪರಕಾಯ ತಾನಾಗಿ ಗೂಟಕ್ಕ ಕೀಲಿ ಬೀಳತದ. ಮೂರರೊಳಗ ನೀವು ಜಲಪಾತದ ಮುಂದ ಇರ್ತೀರಿ. ಇದು ನನ್ನ ಮಾತು."

ಗೋಡೆಯ ಮೇಲಿನ ಆ ಚಿತ್ರ ನೀಲಾಂಬಿಕೆಯ ಕಣ್ಣ ಮುಂದೆ ಬಂತು. ಮೂವತ್ತೊಂದು ವರ್ಷ. ಮೂರು ವರ್ಷದ ನಂತರ ತಮ್ಮ ಮಂಡಿ ನಡೆಹಲಗೆ ತುಳಿಯಲು ಒಪ್ಪುತ್ತದೆಂದು ಯಾರು ಹೇಳಿಯಾರು?

"ಕೂತಲ್ಲೇ ಕರೆಂಟು ತುಂಬಂಗಿಲ್ಲೇನ್ರಿ? ಬೆಂಚಿನ ಹತ್ತಿರ?"

"ಗೂಟ ಬಿಟ್ಟರ ತುಂಬಂಗಿಲ್ಲ. ಅಥವಾ ಊಟ, ಅಥವಾ ಜಲಪಾತ. ಎರಡೂ ಆಗೂದಿಲ್ಲ." ಆತ ಕಾಗದವನ್ನು ಅವರ ಕಡೆ ಸರಿಸಿದ. "ಇನ್ನೊಂದು ಮಾತು. ಇದನ್ನ ನೀವು ಹೇಳಾಕಬೇಕು. ಕರೆಂಟಿಲ್ಲದ ಯಂತ್ರನ ನೀವು ಹೆಂಗ ನಡಸ್ತೀರಿ?"

"ಏನಂದ್ರಿ?"

"ಎರಡೂ ಹತ್ತಕ್ಕ ನಿಮ್ಮ ಪರಕಾಯ ಸಾಯ್ತದ."

"ಸಾಯ್ತದ ಅನಬ್ಯಾಡ್ರಿ."

"ಸರಿ, ಮಲಗತದ. ಮಲಗಿದ್ದನ್ನ ಅಲ್ಲೇ ಬಿಟ್ಟು, ಹೊಳ್ಳಿ ಬರುವಾಗ ಒಯ್ಯಬೇಕಂತ ಮಾರ್ಗದರ್ಶಿಗೆ ನಿಯಮ ಅದ. ಆದ್ರ ಎರಡೂ ಹದಿನಾರಕ್ಕ ಅದು ಮೆಟ್ಟಲ ಹತ್ತಾಕ ಸುರು ಮಾಡೇದ! ಐದೂ ಸಲ. ಎರಡೂ ಮೂವತ್ತೊಂದಕ್ಕ ಮ್ಯಾಲ. ಇಪ್ಪತ್ತು ನಿಮಿಷ ಅಲ್ಲೇ. ಮತ್ತ ಕೆಳಗ. ಇದು ದೊಡ್ಡ ಶೋಧ ಮೇಡಂ. ನೀವೇನೋ ಮಾಡೀರಿ."

"ನಾ ಅಷ್ಟೊತ್ತಿಗೆ ಇಲ್ಲಿ ಡಬ್ಬಿ ತೊಳೀತಿದ್ದೆ," ಎಂದರು ನೀಲಾಂಬಿಕೆ.

ಮುಜಾವರ್ ತನ್ನ ಪರದೆಯ ಮೇಲೆ ಗೆರೆಗಳನ್ನು ಎಳೆದು ತೋರಿಸಿದ. ಪರಕಾಯದ ಪಾದ, ಎದೆ, ಅಂಗೈಗಳಲ್ಲಿ ಸ್ಪರ್ಶಪಟಲಗಳಿವೆ. ಅವಕ್ಕೆ ಬೇರೆಯೇ ಸಣ್ಣ ನೆನಪಿನ ಕೋಶ. ಮೈ ಮಲಗಿದರೂ ಅದು ಎಚ್ಚರವಿರುತ್ತದೆ. "ನೋಡ್ರಿ, ಪಾದಕ್ಕ ಭಾರನ ಬಿದ್ದಿಲ್ಲ. ನೆಲ ಮುಟ್ಟದ ಹತ್ತೇದ. ಎದಿಯ ಪಟಲಕ್ಕ ಮಾತ್ರ ಒತ್ತಡ. ಮೂವತ್ನಾಲ್ಕು ಡಿಗ್ರಿ ಕಾವು. ಇನ್ನೊಂದು ಬಡಿತ ಅದ, ನಿಮಿಷಕ್ಕ ನೂರಾ ನಲವತ್ತು. ಮೋಟರಿನ ಕಂಪನ ಅಂತ ತಿಳಕೊಂಡೀನಿ, ಆದ್ರ ಮೋಟರ್ ಬಂದ್ ಇತ್ತಲ್ಲ. ನಡುವ ಮೂರು ಕಡೆ ನಿಂತದ, ಅಲ್ಲಿ ಬಡಿತ ಕಡಿಮಿ ಆಗೇದ..."

ನೀಲಾಂಬಿಕೆ ಕುರ್ಚಿಯ ಕೈ ಹಿಡಿದುಕೊಂಡರು.

"ಡಾಕ್ಟರ್ ಸಾಹೇಬ್ರ, ಸಣ್ಣವರಿದ್ದಾಗ ನಿಮ್ಮನ್ನ ಯಾರೂ ಬೆನ್ನ ಮ್ಯಾಲ ಹೊತ್ತು ಕೂಸುಮರಿ ಮಾಡಿಲ್ಲೇನು?"

ಆತ ಪರದೆಯನ್ನು ನೋಡಿದ. ಗೆರೆಗಳನ್ನು ಮೊದಲಿನಿಂದ ಮತ್ತೊಮ್ಮೆ ಓಡಿಸಿದ.

"ಹತ್ತೊಂಬತ್ತು ಕಿಲೋ ಅದ ಅದು," ಎಂದ ಕೊನೆಗೆ. "ಇನ್ನೂರ ಹನ್ನೆರಡು ಮೆಟ್ಟಲ."

"ಆಕಿ ಬೆನ್ನು ಏನಾಗಿರಬೇಕು," ಎಂದರು ನೀಲಾಂಬಿಕೆ.

"ಆದ್ರ ಅದರಾಗ ಯಾರೂ ಇದ್ದಿಲ್ಲಲ್ರಿ! ಖಾಲಿ ಯಂತ್ರ. ಅದು ಆಕಿಗೂ ಗೊತ್ತು."

"ನನ್ನ ತಾಟೂ ಆಕಿಗೆ ಖಾಲಿನ ಕಾಣತಿತ್ತಲ್ರಿ. ಆದ್ರೂ ಎದುರಿಗೆ ಬಟ್ಟಲ ಇಡತಿದ್ಲು."

ಮುಜಾವರ್ ಕನ್ನಡಕ ತೆಗೆದು ಅಂಗಿಯ ಅಂಚಿಗೆ ಒರೆಸಿಕೊಂಡ. ಕಲ್ಲಿನ ತರಿ, ಪಾಚಿಯ ಮೆತ್ತನೆ ತಿಳಿಯಲೆಂದು ಅಂಗೈ ಪಟಲಗಳನ್ನು ರೂಪಿಸಿದವನು ಆತನೇ. ಆರು ವರ್ಷ ಅದಕ್ಕೇ ಕೊಟ್ಟಿದ್ದ. ಈಗ ಪರದೆಯ ಕೊನೆಯ ಗೆರೆಯ ಮೇಲೆ ಬೆರಳಿಟ್ಟ.

"ಹೋದ ಸಲ ಮ್ಯಾಲ ಇಪ್ಪತ್ತು ನಿಮಿಷದಾಗ ಬಲ ಅಂಗೈ ಏನೋ ಬರಕೊಂಡದ. ಗೆರಿ ನೋಡಿದರ ನನಗ ತಿಳೀವಲ್ದು. ಗವಸಿಗೆ ಹಾಕಿದರ ನಿಮಗ ತಿಳೀಬಹುದು. ಹಾಕ್ಲೇನ್ರಿ? ಕಣ್ಣಿಗೆ ಏನೂ ಕಾಣಂಗಿಲ್ಲ, ಸಪ್ಪಳನೂ ಇಲ್ಲ. ಬರೇ ಮುಟ್ಟಿದ್ದು."

ನೀಲಾಂಬಿಕೆ ಚೀಲದಿಂದ ಬುತ್ತಿಯ ಡಬ್ಬಿ ತೆಗೆದು ಆ ಸಹಿ ಕಾಗದದ ಮೇಲಿಟ್ಟು, ಅರಿಷಿಣದ ಕಲೆಯ ಗವಸಿಗೆ ಕೈ ತೂರಿಸಿದರು. ಕಣ್ಪಟ್ಟಿ ಬೇಡವೆಂದರು; ಕಣ್ಣು ಮುಚ್ಚಿಕೊಂಡರು.

ಮೊದಲು ತಂಪು. ಆಮೇಲೆ ಅಂಗೈ ಮೇಲೆ ಸಣ್ಣ ಸಣ್ಣ ಹನಿ. ಒಂದು, ನಾಲ್ಕು, ಲೆಕ್ಕಕ್ಕೆ ಸಿಗದಷ್ಟು. ಎಲ್ಲೋ ಎತ್ತರದಿಂದ ಬಿದ್ದ ನೀರು ಕಲ್ಲಿಗೆ ಬಡಿದು ಹಾರಿ ಬಂದದ್ದು. ಉಣ್ಣೆಯ ಒರಟು ಬಟ್ಟೆಯೊಂದು ಬಂದು ಆ ಹನಿಗಳನ್ನು ಒರೆಸಿತು. ಬೆರಳ ಸಂದಿಗಳನ್ನೂ ಬಿಡದೆ ಒರೆಸಿತು. ಮತ್ತೆ ಹನಿ ಬಿದ್ದವು, ಮತ್ತೆ ಒರೆಸಿತು. ಮೂರನೆಯ ಸಲಕ್ಕೆ ಒರೆಸುವುದು ಬಿಟ್ಟು, ಹನಿ ಬೀಳದ ಹಾಗೆ ಒಂದು ಕೈ ಅವರ ಕೈಯ ಮೇಲೆ ಬಂದು ಕುಳಿತಿತು. ಅಗಲವಾದ ಕೈ. ಹೆಬ್ಬೆರಳ ಬುಡದಲ್ಲಿ ಗಟ್ಟಿ ಚರ್ಮ. ಹತ್ತಿ ಬಂದ ಆಯಾಸಕ್ಕೆ ಸ್ವಲ್ಪ ನಡುಗುತ್ತಿತ್ತು. ಬರಬರುತ್ತ ನಡುಕ ನಿಂತಿತು. ಕೈ ಮಾತ್ರ ಅಲ್ಲೇ ಇತ್ತು.

ಕೋಣೆಯ ಹೊರಗೆ ಯಾರೋ ಪತ್ರಿಕೆಯ ಹಾಳೆ ತಿರುವಿದರು.

"ಇನ್ನ ಹದಿನಾರು ನಿಮಿಷ ಹಿಂಗೇ ಅದ ರೀ," ಎಂದ ಮುಜಾವರ್ ಮೆಲ್ಲಗೆ. "ಬ್ಯಾರೆ ಏನೂ ಇಲ್ಲ. ತೆಗದಬಿಡ್ಲೇನು?"

ನೀಲಾಂಬಿಕೆ ಕಣ್ಣು ತೆರೆಯಲಿಲ್ಲ.

"ತಡೀರಿ," ಎಂದರು. "ಆಕಿ ಇನ್ನೂ ಎದ್ದಿಲ್ಲ."