ತಿಪ್ಪಮ್ಮನ ಹೆಸರಿನ ತಂಟೆಗೆ ಬರಬೇಡಿ

"ಹುಚ್ಚ, ತಿಪ್ಪ, ಕರಿಯ... ಇವೂ ಒಂದು ಹೆಸರೇನ್ರಪ್ಪಾ? ಗೌಡ್ರ ಮನೆಯೋರು ನಮ್ಮನ್ನ ಹೀಯಾಳಿಸೋಕೆ ಇಟ್ಟವು. ಕಿತ್ತು ಬಿಸಾಕಿ!"

ತೊಟ್ಟಿಲ ಪಕ್ಕ ನಿಂತು ಅಬ್ಬರಿಸುತ್ತಿದ್ದವನು ಚಂದ್ರಯ್ಯ, ಹೊಳೆನರಸೀಪುರದ ಶಾಲೆಗೆ ಹೊಸದಾಗಿ ಬಂದ ಮೇಷ್ಟ್ರು. ಅರಕಲಗೂಡಿನ ಗೆಳೆಯ ಸಣ್ಣಯ್ಯ ಮಗನ ನಾಮಕರಣಕ್ಕೆ ಕರೆದಿದ್ದ. ಚಂದ್ರಯ್ಯ ಬೌದ್ಧ ಧರ್ಮ ಸೇರಿ ಇನ್ನೂ ಎರಡು ವರ್ಷ ತುಂಬಿರಲಿಲ್ಲ, ಬಿಸಿ ಆರಿರಲಿಲ್ಲ.

"ಏನ್ ಮೇಷ್ಟ್ರೇ!"

ಸಣ್ಣಯ್ಯನ ತಂಗಿ ಎದ್ದು ನಿಂತಳು. ಊರ ಶಾಲೆಯಲ್ಲಿ ಅವಳೂ ಪಾಠ ಹೇಳುವವಳೇ. ಅಬ್ಬಬ್ಬಾ, ಆ ಕಣ್ಣೋ ಕೆಂಡ!

"ನನ್ ಹೆಸ್ರು ತಿಪ್ಪಮ್ಮ. ಇದನ್ನ ಯಾವ ಗೌಡ ಇಟ್ಟ? ಯೋಳಿ ನೋಡಾನ!"

"ಅಂಗಲ್ಲ..." ಚಂದ್ರಯ್ಯ ತಬ್ಬಿಬ್ಬಾದ.

"ನಮ್ಮಣ್ಣನ ಬೆನ್ನಿಗೆ ಹುಟ್ಟಿದ ಕೂಸೆಲ್ಲ ಮಣ್ಣು ಸೇರಿದ್ವು. ನಾನು ಹುಟ್ದಾಗ ಅವ್ವ ಮೊರದಲ್ಲಿಟ್ಟು ತಿಪ್ಪೆ ಮೇಲೆ ಮಲಗಿಸಿದ್ಲು. ಯಾರಿಗೂ ಬ್ಯಾಡದ ಕಸ ಅಂತ ಸಾವು ಮುಂದಕ್ಕೋಗ್ಲಿ ಅಂತ! ಆಮೇಲೆ ಪಕ್ಕದ ಮನೆಯೋಳ ಕೈಲಿ ಎತ್ತಿಸ್ಕಂಡ್ಲು. ಯಮನ್ನೇ ಯಾಮಾರಿಸಿದ ಹೆಸ್ರು ಕಣ್ರೀ! ಮಗೀಗೆ ಸಿದ್ಧಾರ್ಥ ಅಂತ ಇಡಿ, ನಂಗೂ ಸಂತೋಷ. ನನ್ ಹೆಸ್ರಿನ ತಂಟೆಗೆ ಬಂದ್ರೆ ಗ್ರಾಚಾರ ಬಿಡಿಸ್ಬುಡ್ತೀನಿ!"

ಬೈಸಿಕೊಂಡವನು ಊರಿಗೆ ಹೋದ. ಮನಸ್ಸು ಹೋಗಬೇಕಲ್ಲ?

ಆಮೇಲೆ ಭಾನುವಾರ ಬಂದರೆ ಸಾಕು, ಅರಕಲಗೂಡಿನ ಬಸ್ಸಿನಲ್ಲಿ ಚಂದ್ರಯ್ಯ ಹಾಜರ್. ಕೇಳಿದರೆ, ಮಗು ನೋಡೋಕಂತೆ! ತಿಪ್ಪಮ್ಮ ಕಾಫಿ ಲೋಟ ಕುಕ್ಕಿ ಇಡುತ್ತಿದ್ದಳು. ಆದರೆ ಬಸ್ಸಿನ ಸದ್ದಿಗೆ ಮೊದಲು ಕಿವಿ ನಿಮಿರುತ್ತಿದ್ದದ್ದೂ ಅವಳದೇ. 'ಥೂ, ಏನಾಗೈತೆ ನಂಗೆ?' ಎಂದು ತನ್ನನ್ನೇ ಬೈದುಕೊಳ್ಳುತ್ತಿದ್ದಳು.

ಸಂಬಂಧ ಕುದುರಿತು. ತಾಂಬೂಲದ ದಿನ ಚನ್ನರಾಯಪಟ್ಟಣದಿಂದ ಅವನ ದೊಡ್ಡಪ್ಪ ಮಂಚಯ್ಯ ಬಂದ. ತಂದೆಯಿಲ್ಲದ ಚಂದ್ರಯ್ಯನನ್ನು ಕೂಲಿ ಮಾಡಿ ಓದಿಸಿದವನು ಅವನೇ.

"ಇವತ್ತಿಂದ ಹುಡುಗಿ ಹೆಸ್ರು ಸುಜಾತ. ಮೇಷ್ಟ್ರ ಹೆಂಡ್ತಿಗೆ ತಿಪ್ಪಮ್ಮ ಅಂದ್ರೆ ಜನ ನಗಾಕಿಲ್ವಾ? ನಮ್ ಹುಡುಗ ಅನ್ನೋದೂ ಇದ್ನೇ."

ತಿಪ್ಪಮ್ಮ ಚಂದ್ರಯ್ಯನ ಕಡೆ ನೋಡಿದಳು. ಅವನು ತಲೆ ತಗ್ಗಿಸಿದ್ದ!

'ಅಂದ್ರೆ... ಇಷ್ಟು ದಿನ ಬಂದಿದ್ದು ನನ್ನ ತಿದ್ದೋಕಾ?'

ಆದರೂ ಕಣ್ಣೀರು ಹಾಕಲಿಲ್ಲ. ತಾಂಬೂಲದ ತಟ್ಟೆಯನ್ನು ಎತ್ತಿ ಮಂಚಯ್ಯನ ಮುಂದೆ ಇಟ್ಟುಬಿಟ್ಟಳು.

"ತಗಂಡೋಗಿ. ಸುಜಾತ ಅನ್ನೋಳು ಈ ಮನೇಲಿಲ್ಲ."

"ತಿಪ್ಪೀ!" ಎಂದಳು ತಾಯಿ ಸುಬ್ಬಮ್ಮ, ಕಣ್ಣೊರೆಸಿಕೊಳ್ಳುತ್ತಾ. "ಬಂದ ಸಂಬಂಧ ಕಣವ್ವ..."

"ಓಗ್ಲಿ ಬುಡವ್ವ! ನೀನಿಟ್ಟ ಹೆಸ್ರು ಕಳ್ಕಂಡು ನಾನ್ಯಾರ ಮನೆಗೂ ಓಗಾಕಿಲ್ಲ."

ಚಂದ್ರಯ್ಯ ಎದ್ದ. ದೊಡ್ಡಪ್ಪನಿಗೆ ಎದುರಾಡಿ ಅಭ್ಯಾಸವೇ ಇಲ್ಲ.

"ದೊಡ್ಡಪ್ಪಾ... ಅದು ನನ್ನ ಹಳೇ ಮಾತು. ಊರೋರ ಹೆಸ್ರಿಗೆಲ್ಲ ಅರ್ಥ ಹೇಳ್ಕೊಂಡು ತಿರುಗಿದೆ. ಇಟ್ಟ ತಾಯಿನ ಒಂದು ಮಾತು ಕೇಳ್ಲಿಲ್ಲ. ನಾನು ಮದ್ವೆ ಆದ್ರೆ ತಿಪ್ಪಮ್ಮನ್ನೇ. ನಗೋರು ನಗ್ಲಿ!"

ಮಂಚಯ್ಯ ಅವನನ್ನೂ ಸುಬ್ಬಮ್ಮನ ಒದ್ದೆ ಕಣ್ಣನ್ನೂ ನೋಡಿದ. "ಇಬ್ರೂ ಒಂದೇ ಗಾಡಿ ಎತ್ತು. ನಂದೇನೈತೆ?" ಎಂದು ಗೊಣಗಿ ತಟ್ಟೆಯನ್ನು ಅವಳತ್ತ ತಳ್ಳಿದ.

ತಟ್ಟೆ ಎತ್ತಿಕೊಂಡ ತಿಪ್ಪಮ್ಮನ ಕಣ್ಣು ಈಗ ತುಂಬಿ ಬಂತು.

"ಮೊದ್ಲೇ ಬಾಯಿ ಬಿಡೋಕೇನಾಗಿತ್ತು? ಜೀವ ಓದಂಗಾಯ್ತು ನಂಗೆ!"

"ತಪ್ಪಾಯ್ತು. ನೀನಿಲ್ದೆ ನನ್ನ ಕೈಲಾಗಲ್ಲ..."

"ಅಂಗಾದ್ರೆ ನಾನೂ ನಿಮ್ಮನ್ನ ಹೆಸ್ರು ಹಿಡ್ದೇ ಕೂಗ್ತೀನಿ."

"ಅಯ್ಯೋ, ಗಂಡನ ಹೆಸ್ರು ಯೋಳ್ಬಾರ್ದು ಕಣೇ!" ನೆರೆದ ಹೆಂಗಸರೆಲ್ಲ ಬಾಯಿ ಮುಚ್ಚಿಕೊಂಡರು.

"ಕೂಗು," ಎಂದ ಅವನು ಮೆಲ್ಲಗೆ.

"ಚಂದ್ರಯ್ಯಾ..."

"ಏನು ತಿಪ್ಪಮ್ಮಾ?"

"ತಟ್ಟೆ ಇಡ್ಕೊಳಿ. ಕೈ ನಡುಗ್ತೈತೆ."