ಐದು ದಿನದ ತಿಂಗಳು

ನಾನು ಒಳಗೆ ಹೋದಾಗ ಸುರಾಫೆಲ್ ಕಿಟಕಿ ಪಕ್ಕದ ಮೇಜಿನಲ್ಲಿ ಲ್ಯಾಪ್‌ಟಾಪ್ ಮುಚ್ಚುತ್ತಿದ್ದ.

"ತಡ ಆಯ್ತು, ಬೇಜಾರು ಮಾಡ್ಕೋಬೇಡಿ," ಎಂದೆ. "ಪಿಯಾಸಾದಲ್ಲಿ ಟ್ಯಾಕ್ಸಿ ಸಾಲು ಬೀದಿಯುದ್ದಕ್ಕೂ ಇತ್ತು."

ಅವನು ಫೋನಿನಲ್ಲಿ ಕಳಿಸಿದ ಆಹ್ವಾನದಲ್ಲಿ ಭಾನುವಾರ ಮೂರು ಗಂಟೆ ಎಂದಿತ್ತು. ನನ್ನ ಫೋನಿನಲ್ಲಿ ಆಗ ಮೂರೂ ಇಪ್ಪತ್ತೈದು. ಅವನು ನನ್ನ ಮುಖವನ್ನೇ ನೋಡಿದ. ಏನೋ ಕೇಳಲು ಹೊರಟ ತುಟಿ ಅರ್ಧಕ್ಕೇ ನಿಂತಿತು.

"ಪರವಾಗಿಲ್ಲ. ನಾನೂ ಈಗಷ್ಟೇ ಬಂದೆ."

ಕಾಫಿ ಹುಯ್ಯುವ ಹೆಂಗಸು ಕೆಂಡದ ಮೇಲಿನ ಮಣ್ಣಿನ ಹೂಜಿಯನ್ನು ಬಗ್ಗಿಸುತ್ತಾ, "ಅಂತೂ ಬಂದಳಪ್ಪ ಮಹಾರಾಣಿ," ಎಂದು ಗೊಣಗಿದಳು. ನನಗೆ ಹೇಳಿದ್ದೋ, ಹೂಜಿಗೆ ಹೇಳಿದ್ದೋ ತಿಳಿಯಲಿಲ್ಲ.

ನಮ್ಮ ಅದ್ದಿಸ್ ಅಬಾಬಾದಲ್ಲಿ ಕಾಫಿ ಎಂದರೆ ಮೂರು ಕಪ್ಪು. ಮೊದಲನೆಯದು ಗಂಟಲಿಗೆ, ಎರಡನೆಯದು ಮಾತಿಗೆ, ಮೂರನೆಯದು ಆಶೀರ್ವಾದಕ್ಕೆ. ಆಶೀರ್ವಾದದ ಕಪ್ಪು ಬಿಟ್ಟು ಏಳುವವರನ್ನು ಅಜ್ಜಿ ಹೊಸಿಲು ದಾಟಲು ಬಿಡುತ್ತಿರಲಿಲ್ಲ.

ಸುರಾಫೆಲ್ ಮೊದಲ ಕಪ್ಪಿಗೇ ಎದ್ದ. "ತಲೆ ಸಿಡೀತಿದೆ," ಎಂದ. ನಾನು ಹಸಿರು ಅಂಚಿನ ಹೊಸ ನೆಟೆಲಾ ಶಾಲು ಹೊದ್ದು ಬಂದಿದ್ದೆ. ಅದರ ಅಂಚನ್ನು ಬೆರಳಿಗೆ ಸುತ್ತಿಕೊಂಡು, ಅವನು ಮಳೆಯಲ್ಲಿ ರಸ್ತೆ ದಾಟುವುದನ್ನು ನೋಡಿದೆ. ಅವನು ತಿರುಗಲಿಲ್ಲ.

*

ನಮ್ಮ ಪರಿಚಯವಾಗಿದ್ದು ಡೇಟಾಬೇಸ್ ತರಗತಿಯಲ್ಲಿ.

ತರಗತಿಯಲ್ಲಿದ್ದ ಹನ್ನೊಂದು ಜನರೂ ಹಳೆ ಎತ್ತುಗಳೇ. ನಾನು ಒಂಬತ್ತು ವರ್ಷದಿಂದ ಪರದೆಗಳನ್ನು ಬಿಡಿಸುತ್ತಿದ್ದವಳು: ಗುಂಡಿ ಎಲ್ಲಿರಬೇಕು, ಬಣ್ಣ ಯಾವುದು, ಒತ್ತಿದರೆ ಏನು ತೆರೆಯಬೇಕು. ಸುರಾಫೆಲ್ ಎಂಟು ವರ್ಷದಿಂದ ಫೋನಿನ ಆ್ಯಪ್ ಬರೆಯುತ್ತಿದ್ದವನು. ಪರದೆಯ ಹಿಂದೆ, ಎಲ್ಲರ ಹೆಸರೂ ತಾರೀಖೂ ಮಲಗಿರುವ ಆ ಕತ್ತಲ ಕೋಣೆಗೆ ಮಾತ್ರ ನಾವು ಕಾಲಿಟ್ಟಿರಲಿಲ್ಲ. ಈಗ ಆಫೀಸುಗಳು, ಅದನ್ನೂ ಕಲಿಯಿರಿ ಎಂದಿದ್ದವು. ಹಾಗಾಗಿ ವಾರಕ್ಕೆ ಮೂರು ದಿನ, ಬೆಳಗ್ಗೆ ಒಂದು ಗಂಟೆಯಿಂದ ಮೂರರವರೆಗೆ ತರಗತಿ. ಆಮೇಲೆ ದಿನವಿಡೀ ಕೆಲಸ.

ಒಂದು ಗಂಟೆ ಎಂದರೆ ನಮ್ಮ ಒಂದು ಗಂಟೆ. ನಮ್ಮೂರ ಗಡಿಯಾರ ಸೂರ್ಯನ ಜೊತೆಗೇ ಏಳುತ್ತದೆ. ಅವನು ಹುಟ್ಟಿ ಒಂದು ಗಂಟೆ ಕಳೆದರೆ ಒಂದು ಗಂಟೆ. ಯಂತ್ರಗಳು ಮಾತ್ರ ಅದನ್ನೇ ಏಳು ಎನ್ನುತ್ತವೆ. ಈ ಆರು ಗಂಟೆಯ ಅಂತರವನ್ನು ನಾವು ಹೊತ್ತು ತಿರುಗುವುದು ಬೆನ್ನಿಗೆ ಕಟ್ಟಿದ ಕೂಸಿನ ಹಾಗೆ. ಅದು ಅಳುವವರೆಗೂ ನೆನಪೇ ಇರುವುದಿಲ್ಲ.

ಪಾಠ ಹೇಳುತ್ತಿದ್ದವರು ಗಾಶೆ ದೆಮಿಸ್ಸೆ. ಮೂವತ್ತು ವರ್ಷ ದತ್ತಾಂಶ ಕಾದು ಕೂದಲು ಬೆಳ್ಳಗೆ ಮಾಡಿಕೊಂಡವರು. ಗಾಶೆ ಎಂಬುದು ನಾವು ಹಿರಿಯರನ್ನು ಕರೆಯುವ ರೀತಿ. ಮೊದಲ ದಿನ ನನ್ನ ಲೆಕ್ಕ ನೋಡಿ ಕನ್ನಡಕ ತೆಗೆದರು.

"ಏನಮ್ಮ ಲುಲಿತ್, ಇದೇನಿದು?"

"ಲೂಪ್, ಗಾಶೆ. ಒಂದೊಂದೇ ಸಾಲು ತಗೊಂಡು ನೋಡ್ತೀನಿ."

"ಊರಲ್ಲಿ ಮದುವೆ ಇದ್ರೆ ನಲವತ್ತು ಸಾವಿರ ಮನೆ ಬಾಗಿಲೂ ಬಡೀತೀಯಾ? ಬೆಟ್ಟದ ಮೇಲೆ ನಿಂತು ಒಂದು ಸಲ ಕೂಗು. ಯಾರು ಬೇಕು ಅಂತ ಹೇಳು ಸಾಕು. ಹುಡುಕೋದು ಅದರ ಕೆಲಸ."

ಪಕ್ಕದಲ್ಲಿದ್ದವನು ನಕ್ಕ. ಗಾಶೆ ಅವನ ಪರದೆಯತ್ತ ಬಗ್ಗಿ, "ನೀನು ಯಾಕಪ್ಪ ನಗ್ತೀಯ? ನೀನು ಬಾಗಿಲು ಬಡಿಯೋದಲ್ಲ, ಕಿಟಕಿ ಹಾರ್ತಿದೀಯ," ಎಂದರು.

ಆ ಕಿಟಕಿ ಹಾರಿದವನೇ ಸುರಾಫೆಲ್. ನಮ್ಮಿಬ್ಬರನ್ನು ಜೋಡಿ ಮಾಡಿ, ಮೂತ್ರಪಿಂಡದ ಒಂದು ಪುಟ್ಟ ಚಿಕಿತ್ಸಾಲಯದ ಹಾಸಿಗೆ ಪಟ್ಟಿಯನ್ನು ಅಭ್ಯಾಸಕ್ಕೆ ಕೊಟ್ಟರು. ಕಣ್ಣು ಉರಿಯುತ್ತಿತ್ತು. ಬುಧವಾರ ಶುಕ್ರವಾರ ಉಪವಾಸ ಬೇರೆ. ಒಂದು ಬೆಳಗ್ಗೆ ಪಾಠದ ನಡುವೆಯೇ ನಾನು ನಿದ್ದೆ ಹೋದೆ. ಎಚ್ಚರವಾದಾಗ ನನ್ನ ಪರದೆ ಮಂಕಾಗಿತ್ತು. ಬೆಳಕು ಮುಖಕ್ಕೆ ಹೊಡೆಯದಂತೆ ಯಾರೋ ಒಂದೊಂದೇ ಹಂತ ತಗ್ಗಿಸಿದ್ದರು. ಸುರಾಫೆಲ್‌ನ ತೋರುಬೆರಳು ಇನ್ನೂ ಆ ಗುಂಡಿಯ ಹತ್ತಿರವೇ ಇತ್ತು.

"ಗೊರಕೆ ಹೊಡೆದ್ನಾ?"

"ಸಣ್ಣದಾಗಿ," ಎಂದ, ಕಣ್ಣೆತ್ತದೆ. "ಗಾಶೆ ಅದನ್ನ ಪ್ರಶ್ನೆ ಅಂದ್ಕೊಂಡು ಉತ್ತರ ಹೇಳಿದ್ರು."

ಅಂದಿನಿಂದ ನನಗೆ ಅವನ ಬೆರಳುಗಳ ಬಗ್ಗೆ ತುಂಬ ಗೊತ್ತಾಗತೊಡಗಿತು.

*

ಆ ಭಾನುವಾರದ ಕಾಫಿಯ ನಂತರ ಅವನ ಮಾತು ಇಷ್ಟಿಷ್ಟೇ ಆಯಿತು. ಮಂಗಳವಾರ ಹಾಸಿಗೆ ಪಟ್ಟಿಗೆ ಅವನು ಬರೆದದ್ದನ್ನು ಗಾಶೆ ಎಲ್ಲರ ಮುಂದೆ ಓದಿಸಿದರು. ನಾಳೆ ಬರುತ್ತೀರಾ ಎಂದು ಕೇಳಿದ್ದಕ್ಕೆ ಹೌದು ಎಂದ ರೋಗಿಗಳಿಗೆ ಅವನು ಹಾಸಿಗೆ ಇಟ್ಟಿದ್ದ. ಉಳಿದವರ ಹಾಸಿಗೆಗಳನ್ನೆಲ್ಲ ಬೇರೆಯವರಿಗೆ ಹಂಚಿದ್ದ.

"ಈ ಹದಿನಾಲ್ಕು ಜನ ಇಲ್ಲ ಅಂದ್ರಾ?" ಗಾಶೆ ಕೇಳಿದರು.

"ಏನೂ ಹೇಳಿಲ್ಲ. ಜಾಗ ಖಾಲಿ ಇದೆ."

"ಖಾಲಿ ಅಂದ್ರೆ ಇಲ್ಲ ಅಂತಲ್ಲ, ಮಗಾ. ಗೊತ್ತಿಲ್ಲ ಅಂತ. ಅಜ್ಜಿಯೊಬ್ಬಳು ಫೋನು ಎತ್ತೋದು ಮರೆತಳು ಅಂತ ಅವಳ ಹಾಸಿಗೆ ಕೊಟ್ಟುಬಿಟ್ಟೆಯಲ್ಲ. ಎಂಟು ವರ್ಷ ಬೇರೆ ಭಾಷೆಗಳಲ್ಲಿ ಬರೆದೋರೆಲ್ಲ ಇಲ್ಲೇ ಎಡವ್ತೀರಿ."

ಹೊರಗೆ ಮೆಟ್ಟಿಲ ಮೇಲೆ ಸುರಾಫೆಲ್ ಜೊತೆ ಇಂಜೆರಾ ರೊಟ್ಟಿ, ಶಿರೊ ಗೊಜ್ಜಿನ ಡಬ್ಬಿ ಬಿಚ್ಚಿಕೊಂಡಾಗ ನಾನೇ ಮಾತು ತೆಗೆದೆ.

"ಯಾಕೆ ಹಿಂಗಿದೀರಿ?"

"ಸುಸ್ತು, ಅಷ್ಟೆ." ತುತ್ತನ್ನು ಕೈಯಲ್ಲೇ ಹಿಡಿದಿದ್ದ. "ಹೊಸ ವರ್ಷಕ್ಕೆ ಅಮ್ಮ ದೆಬ್ರೆ ಬೆರ್ಹಾನ್‌ಗೆ ಹಿರಿಯರನ್ನ ಕಳಿಸ್ತಾಳಂತೆ. ಹೆಣ್ಣು ಕೇಳೋಕೆ. ಮನಸ್ಸಲ್ಲಿ ಯಾರಾದ್ರೂ ಇದ್ರೆ ಪಾಗುಮೆ ತಿಂಗಳು ಮುಗಿಯೋದ್ರೊಳಗೆ ಹೇಳು, ಇಲ್ಲಾಂದ್ರೆ ಸುಮ್ನಿರು ಅಂದಿದಾಳೆ."

"ಏನು ಹೇಳಿದ್ರಿ?"

"ಹೇಳೋಕೆ ಏನೂ ಇಲ್ಲ ಅಂತ ಈ ಭಾನುವಾರ ಗೊತ್ತಾಯ್ತಲ್ಲ," ಎಂದು ಎದ್ದುಹೋದ.

ನನಗೆ ಅರ್ಥವಾಗಲಿಲ್ಲ. ಹಿರಿಯರು ಒಂದು ಮನೆಯ ಬಾಗಿಲಿಗೆ ಹೋಗಿ ಮಾತು ಆಡಿಬಿಟ್ಟರೆ ಅದನ್ನು ಹಿಂದಕ್ಕೆ ತರುವವರಿಲ್ಲ. ಅಂದರೆ ನನಗೆ ಉಳಿದದ್ದು ಎರಡೂ ಕಾಲು ವಾರ. ಮೂವತ್ತಮೂರು ವರ್ಷದವಳು, ಒಮ್ಮೆ ಮುರಿದ ನಿಶ್ಚಿತಾರ್ಥದವಳು, ನಾನಾಗಿಯೇ ಹೋಗಿ ಏನೆಂದು ಕೇಳಲಿ? ಮೊದಲ ಕಪ್ಪಿಗೇ ಎದ್ದುಹೋದವನನ್ನು?

ಟ್ಯಾಕ್ಸಿಯಲ್ಲಿ ಹಣೆಯನ್ನು ಗಾಜಿಗೆ ಒತ್ತಿ ಕುಳಿತರೆ ಅಜ್ಜಿಯ ಕಥೆ ನೆನಪಾಗುತ್ತಿತ್ತು. ದೇವರು ವರ್ಷದ ದಿನಗಳನ್ನು ಚೀಲದಲ್ಲಿ ತಂದು ತಿಂಗಳುಗಳಿಗೆ ಹಂಚಲು ಕೂತನಂತೆ. ಹನ್ನೆರಡು ಅಣ್ಣಂದಿರು ಮುಂಚೆಯೇ ಬಂದು ತಲಾ ಮೂವತ್ತು ಒಯ್ದರು. ಕಿರಿಯವಳು ಪಾಗುಮೆ ದಾರಿಯಲ್ಲಿ ಹೂ ನೋಡುತ್ತ ನಿಂತು ತಡ ಮಾಡಿದಳು. ಅವಳು ಬಂದಾಗ ಚೀಲದ ತಳದಲ್ಲಿ ಐದೇ ದಿನ. ಅಳುತ್ತಿದ್ದವಳನ್ನು ನೋಡಿ ದೇವರು, ಹೋಗಲಿ, ವರ್ಷವಿಡೀ ದಣಿದವರ ದಣಿವು ತೊಳೆಯುವ ಮಳೆ ನಿನ್ನದು ಎಂದನಂತೆ.

"ತಡ ಮಾಡಿದೋಳಿಗೂ ಏನೋ ಒಂದು ಉಳಿದಿರತ್ತೆ ಕಣೇ," ಎಂದು ಅಜ್ಜಿ ನನ್ನ ಜಡೆ ಬಿಗಿಯುತ್ತಿದ್ದಳು.

*

ಪಾಗುಮೆಯ ಮೂರನೇ ದಿನ ಕೊನೆಯ ತರಗತಿ. ಅಂದು ರಫಾಯೆಲ್ ದೇವದೂತನ ದಿನ. ಅಂದಿನ ಮಳೆ ಪುಣ್ಯದ ಮಳೆ. ಮೋಡ ಕಟ್ಟಿತ್ತು, ಇನ್ನೂ ಸುರಿದಿರಲಿಲ್ಲ.

ನಾವು ಅಭ್ಯಾಸಕ್ಕೆ ಬರೆದ ಒಂದೊಂದು ವಾಕ್ಯವನ್ನೂ ಗಾಶೆಯ ಯಂತ್ರ ಒಂದು ದಿನಚರಿಯಲ್ಲಿ ಬರೆದಿಟ್ಟುಕೊಳ್ಳುತ್ತಿತ್ತು: ಯಾರು, ಯಾವಾಗ, ಎಲ್ಲಿಂದ, ಏನು ಬರೆದರು. "ನಿಮ್ಮ ಜೋಡಿಯವರು ಯಾವ ದಿನ ಅತಿ ಹೆಚ್ಚು ಹೊತ್ತು ಎಡೆಬಿಡದೆ ಕೂತಿದ್ದಾರೆ, ಕಂಡುಹಿಡೀರಿ," ಎಂದರು ಗಾಶೆ. "ಲೂಪ್ ಬೇಡ. ಒಂದೇ ಮಾತಲ್ಲಿ."

ಬೇಕಾದದ್ದು ಪ್ರತಿ ಸಾಲೂ ತನ್ನ ಹಿಂದಿನ ಸಾಲಿನ ಕಡೆ ತಿರುಗಿ ನೋಡುವ ಹಾಗೆ ಮಾಡುವುದು: ನೀನು ಬಂದು ಎಷ್ಟು ಹೊತ್ತಾದ ಮೇಲೆ ನಾನು ಬಂದೆ? ಹಳೆ ಅಭ್ಯಾಸ, ಕೈ ಎರಡು ಸಲ ಲೂಪ್ ಬರೆಯಿತು. ಎರಡು ಸಲ ಅಳಿಸಿದೆ. ಮೂರನೇ ಸಲ ಬೆಟ್ಟದ ಮೇಲೆ ನಿಂತು ಕೂಗಿದೆ.

ಉತ್ತರ ಬಂತು. ಒಂದು ಭಾನುವಾರ. ಎಂಬತ್ತೊಂದು ವಾಕ್ಯಗಳು; ಯಾವ ಎರಡರ ನಡುವೆಯೂ ಹತ್ತು ನಿಮಿಷಕ್ಕಿಂತ ಹೆಚ್ಚು ಅಂತರವಿಲ್ಲ. ಎಲ್ಲಿಂದ ಎಂಬಲ್ಲಿ ಆ ಕಾಫಿ ಅಂಗಡಿಯ ವೈಫೈ ಹೆಸರು. ಕೊನೆಯದು ಮೂರೂ ಇಪ್ಪತ್ತನಾಲ್ಕಕ್ಕೆ. ನಾನು ಒಳಗೆ ಕಾಲಿಟ್ಟದ್ದು ಅದರ ಮರುನಿಮಿಷ.

ಮೊದಲನೆಯದು ಒಂಬತ್ತಕ್ಕೆ. ಯಂತ್ರದ ಬೆಳಗಿನ ಒಂಬತ್ತಕ್ಕೆ.

ಯಂತ್ರದ ಒಂಬತ್ತು ಎಂದರೆ ನಮ್ಮ ಬೆಳಗಿನ ಮೂರು.

ಬೆನ್ನ ಮೇಲಿನ ಕೂಸು ಅತ್ತಿತು. ಅವನ ಮನಸ್ಸಿನಲ್ಲಿದ್ದದ್ದು ಸೂರ್ಯನ ಮೂರು. ಕೈ ಒತ್ತಿದ್ದು ಫೋನಿನ ಮೂರು. ನಾನು ಫೋನನ್ನು ನಂಬಿ ಮಧ್ಯಾಹ್ನ ಹೋಗಿದ್ದೆ. ಅವನು ಬೆಳಗಿನಿಂದ ಕೂತಿದ್ದ. ಆರು ಗಂಟೆ ಕಾಯಿಸಿದ ಹೆಣ್ಣು, ಟ್ಯಾಕ್ಸಿ ಸಾಲು ಉದ್ದ ಇತ್ತು ಎಂದು ಹಗುರವಾಗಿ ಹೇಳಿ ಕೂತಿದ್ದಳು.

ಸಾಲುಗಳನ್ನು ಕೆಳಗೆ ಸರಿಸಿದೆ. ಎಲ್ಲ ಹಾಸಿಗೆ ಪಟ್ಟಿಯ ಅಭ್ಯಾಸವೇ. ನಡುಹಗಲಿನಲ್ಲಿ ಒಂದು ಮಾತ್ರ ಬೇರೆ. ಯಾವ ನಿಯಮವೂ ಇಲ್ಲದೆ, ದಣಿದವನೊಬ್ಬ ಗೋಡೆಗೆ ಕೇಳಿದ ಹಾಗೆ: *ಲುಲಿತ್ ಬರ್ತಾಳಾ.* ಅದರ ಮುಂದೆ ಯಂತ್ರದ ಉತ್ತರ: *ವಾಕ್ಯ ತಪ್ಪಾಗಿದೆ.*

ತಲೆ ಎತ್ತಿದೆ. ಗಾಶೆ ಕನ್ನಡಕ ಒರೆಸುತ್ತಾ ಕಿಟಕಿಯಾಚೆ ಏನೋ ತುಂಬ ಮುಖ್ಯವಾದದ್ದನ್ನು ನೋಡುತ್ತಿದ್ದರು. ಪಕ್ಕದ ಕುರ್ಚಿ ಬರಿದಾಗಿತ್ತು. ಸುರಾಫೆಲ್ ತನ್ನ ಉತ್ತರ ಕೊಟ್ಟು ಆಗಲೇ ಹೊರಟಿದ್ದ.

*

ಮೆಟ್ಟಿಲಿಳಿಯುವಾಗ ಮಳೆ ಬಿತ್ತು. ರಸ್ತೆಯಲ್ಲಿ ಯಾರೂ ಓಡಲಿಲ್ಲ. ಮುದುಕಿಯರು ಬಾಗಿಲಿಗೆ ಬಂದು ಮುಖವೊಡ್ಡಿ ನಿಂತರು. ಯಾರೋ ಬೋಗುಣಿ ಇಟ್ಟರು. ಕಾವಲುಗಾರ ಟೊಪ್ಪಿ ತೆಗೆದು ಕಣ್ಣು ಮುಚ್ಚಿದ. ಸುರಾಫೆಲ್ ಒಬ್ಬ ಮಾತ್ರ ಟ್ಯಾಕ್ಸಿ ನಿಲ್ದಾಣದಲ್ಲಿ ಕೊಡೆ ಹಿಡಿದಿದ್ದ.

"ಇವತ್ತು ಯಾರಾದ್ರೂ ಕೊಡೆ ಹಿಡೀತಾರಾ?" ಎಂದೆ.

"ಆಫೀಸಿದೆ."

"ಬೆಳಗಿನ ಮೂರಾ?"

ಅವನು ತಿರುಗಿದ.

"ನೀವು ಬೆಳಗಿನ ಮೂರು ಅಂದ್ಕೊಂಡು ಕಳಿಸಿದ್ದು. ನನಗೆ ಬಂದಿದ್ದು ಫೋನಿನ ಮೂರು. ನೋಡಿ." ಒದ್ದೆ ಕೈಯಲ್ಲಿ ಫೋನು ತೋರಿಸಿದೆ. ಆಹ್ವಾನ ಅಲ್ಲೇ ಇತ್ತು, ನಾನು ಅಳಿಸಿರಲಿಲ್ಲ. "ಇಪ್ಪತ್ತೈದು ನಿಮಿಷಕ್ಕೆ ನಾನು ಕ್ಷಮೆ ಕೇಳಿದ್ದು. ಆರು ಗಂಟೆಗಲ್ಲ."

ಅವನು ಆ ಪುಟ್ಟ ಅಂಕಿಯನ್ನು ಬಹಳ ಹೊತ್ತು ನೋಡಿದ. ಎಂಟು ವರ್ಷ ಪ್ರೋಗ್ರಾಮ್ ಬರೆದವನ ಕಿವಿ ನಿಧಾನಕ್ಕೆ ಕೆಂಪಾಯಿತು.

"ಒಂದು ಫೋನ್ ಮಾಡೋಕೆ ಏನಾಗಿತ್ತು?" ಎಂದೆ.

"ಬರ್ತೀನಿ ಅಂತ ನೀವು ಒತ್ತಿರಲಿಲ್ಲ. ಉತ್ತರದ ಜಾಗ ಖಾಲಿ ಇತ್ತು. ನಾನು ಅದನ್ನ..." ನಿಲ್ಲಿಸಿದ.

"ಇಲ್ಲ ಅಂತ ಓದ್ಕೊಂಡ್ರಿ. ಹಾಸಿಗೆ ದೆಬ್ರೆ ಬೆರ್ಹಾನಿನವಳಿಗೆ ಕೊಟ್ರಿ."

"ಇನ್ನೂ ಕೊಟ್ಟಿಲ್ಲ," ಎಂದ ಮೆಲ್ಲಗೆ. "ಇನ್ನೆರಡು ದಿನ ಇದೆ."

"ಹಾಗಾದ್ರೆ ಅಮ್ಮನಿಗೆ ಹೇಳು, ಹಿರಿಯರು ಅಷ್ಟು ದೂರ ಬಸ್ ಹತ್ತೋದು ಬೇಡ ಅಂತ. ನಮ್ಮನೆ ಇದೇ ಊರಲ್ಲಿ, ಗುಲೆಲೆಯಲ್ಲೇ."

ನೀವು ಹೋಗಿ ನೀನು ಆಗಿದ್ದು ನನಗೇ ತಡವಾಗಿ ತಿಳಿಯಿತು. ಅವನಿಗೆ ಆಗಲೇ ತಿಳಿದಿತ್ತು. ಕೊಡೆ ಮಡಚಿದ. ಮಳೆ ಅವನ ಹಣೆಯಿಂದ ಇಳಿದು, ಕಣ್ಣಿನ ಕೆಳಗಿನ ಕಪ್ಪು ಗೆರೆಗಳ ಮೇಲೆ ಹರಿಯಿತು.

"ಎಷ್ಟು ಗಂಟೆಗೆ ಬರಲಿ ಅವರು?" ಎಂದು ಫೋನು ತೆಗೆದವನು ನನ್ನ ಮುಖ ನೋಡಿ ಜೇಬಿಗೆ ಹಾಕಿಕೊಂಡ. "ಬೇಡ. ಬಾಯಲ್ಲೇ ಹೇಳು."

"ಸೂರ್ಯ ಹುಟ್ಟಿ ಮೂರು ಗಂಟೆ ಆದ್ಮೇಲೆ."

ಅಂದು ಇಬ್ಬರೂ ಆಫೀಸಿಗೆ ಹೋಗಲಿಲ್ಲ. ಅದೇ ಅಂಗಡಿ, ಅದೇ ಕಿಟಕಿ. ಕಾಫಿ ಹೆಂಗಸು ನಮ್ಮ ಒದ್ದೆ ಬಟ್ಟೆ ನೋಡಿ, "ಈ ಸಲ ಎಷ್ಟು ಕಪ್ಪು ಕುಡೀತಾನೋ ಕೇಳಮ್ಮ, ಕೆಂಡ ದುಬಾರಿ," ಎಂದಳು. ಮೊದಲ ಕಪ್ಪು ಕುಡಿದೆವು. ಎರಡನೆಯದರಲ್ಲಿ ಮಾತು ತುಂಬ ಇತ್ತು, ಆದರೆ ತಿಂಗಳುಗಟ್ಟಲೆಯ ನಿದ್ದೆ ನನ್ನ ರೆಪ್ಪೆಯ ಮೇಲೆ ಬಂದು ಕೂತಿತು. ತೋಳಿನ ಮೇಲೆ ತಲೆಯಿಟ್ಟದ್ದಷ್ಟೇ ಗೊತ್ತು.

ಕಣ್ಣು ಬಿಟ್ಟಾಗ ಮಳೆ ನಿಂತಿತ್ತು. ಬಿಸಿಲು ಕಿಟಕಿ ದಾಟಿ ಇನ್ನೊಂದು ಗೋಡೆಗೆ ಹೋಗಿತ್ತು. ನನ್ನ ಮುಂದೆ ಮೂರನೇ ಕಪ್ಪು, ಆರದಿರಲೆಂದು ಮೇಲೆ ಸಾಸರು ಮುಚ್ಚಿತ್ತು. ಅವನ ಕಪ್ಪು ಕೂಡ ಮುಟ್ಟದೆ ಹಾಗೇ ಇತ್ತು.

"ಎಷ್ಟು ಹೊತ್ತಿಂದ ಕಾಯ್ತಿದೀಯ?" ಎಂದೆ.

ಸುರಾಫೆಲ್ ಸಾಸರು ತೆಗೆದು ಕಪ್ಪನ್ನು ನನ್ನತ್ತ ಸರಿಸಿದ.

"ನಾನೂ ಈಗಷ್ಟೇ ಬಂದೆ," ಎಂದ.