ಹದಿನೇಳನೆಯ ಎಳೆ

ರಟ್ಟಿನ ಪಟ್ಟಿಗಳನ್ನು ಒಂದರ ಕೆಳಗೊಂದು ಇಟ್ಟು ದಾರದಿಂದ ಹೊಲಿಯುತ್ತಿದ್ದೆ. ಕರೆಂಟು ಹೋಗಿ ಓಣಿಯ ಪವರ್‌ಲೂಮುಗಳೆಲ್ಲ ನಿಂತಿದ್ದವು. ನಮ್ಮದು ಕೈಮಗ್ಗ, ಪಟ್ಟಿಗಳು ಮುಗಿಯಲೆಂದು ಅಪ್ಪ ಗೋಡೆಗೆ ಒರಗಿ ಕಾಯುತ್ತಿದ್ದ. ಅವ್ವ ಒಳಗೆ ಜೋಳ ಹಸನು ಮಾಡುತ್ತಿದ್ದಳು. ಸೂಜಿ ರಟ್ಟಿನೊಳಗೆ ಹೋಗಿ ಬರುವ ಸಪ್ಪಳ ಮಾತ್ರ.

ಮಗ್ಗಕ್ಕೆ ಕಟ್ಟಿದಾಗ, ಪಟ್ಟಿಯಲ್ಲಿ ತೂತು ಇದ್ದಲ್ಲಿ ಎಳೆ ಮೇಲೆ ಏಳುತ್ತದೆ. ಇಲ್ಲದಲ್ಲಿ ಸುಮ್ಮನೆ ಕೆಳಗಿರುತ್ತದೆ. ಒಂದು ಪಟ್ಟಿಗೆ ಸೀರೆಯ ದಡಿಯ, ಅಂಚಿನ ಚಿತ್ತಾರದ, ಒಂದು ಸಾಲು. ಅಪ್ಪ ಚೌಕದ ಹಾಳೆಯ ಮೇಲೆ ಬರೆದುಕೊಟ್ಟ ದಡಿಯನ್ನು ನೋಡಿ ತೂತು ಹೊಡೆಯುವುದು ನನ್ನ ಕೆಲಸ. ಆರನೆಯ ಇಯತ್ತೆಗೆ ಸಾಲೆ ಬಿಟ್ಟಂದಿನಿಂದ ಏಳು ವರ್ಷ ಇದನ್ನೇ ಮಾಡಿದ್ದೆ. "ನಮ್ಮ ಕಾಂತಾನ ಕೈ ತಪ್ಪಂಗಿಲ್ಲ" ಎಂದು ಅಪ್ಪ ವಡಗಾವಿಯ ಯಾರ ಮುಂದೆ ಬೇಕಾದರೂ ಹೇಳುತ್ತಿದ್ದ.

ದಾರ ಕಡಿಯಲು ತಲೆ ಎತ್ತಿದೆ. ಎದುರು ಮನೆಯ ಮಾಳಿಗೆಯ ಕಿಟಕಿಯಲ್ಲಿ ಆತ ನಿಂತಿದ್ದ. ಕೈಯಲ್ಲಿ ಚೌಕದ ಹಾಳೆ, ಪೆನ್ಸಿಲ್. ನನ್ನ ಕಡೆ ನೋಡಿ, ಹಾಳೆ ನೋಡಿ, ಏನೋ ತುಂಬಿದ.

ನಾನು ಪಟ್ಟಿಗಳ ಮೇಲೆ ಸೆರಗು ಹಾಕಿದೆ.

ಆತನ ಹೆಸರು ಗುರುಸಿದ್ದ. ಖಾನಾಪುರದ ಕಡೆಯವನು, ಕಾಲೇಜಿನಲ್ಲಿ ಗಣಿತದ ಮಾಸ್ತರ. ಕೆಳಗೆ ಫಕೀರವ್ವನ ಕಿರಾಣಿ ಅಂಗಡಿ, ಮೇಲೆ ಆತನ ಖೋಲಿ. ಬಂದು ಮೂರು ತಿಂಗಳಾಗಿತ್ತು.

"ಕಾಲೇಜಿನವರೆಲ್ಲ ಅನಗೋಳದಾಗ ಖೋಲಿ ಹಿಡೀತಾರ," ಎಂದಿದ್ದಳು ಅವ್ವ. "ಇವ ಈ ಸಪ್ಪಳದಾಗ ಯಾಕ ಬಂದು ಬಿದ್ದಾನ?"

ಆ ಮಾತು ನನ್ನ ತಲೆಯಿಂದ ಹೋಗಿರಲಿಲ್ಲ. ಹೋದ ವರ್ಷ, ಎಂಬತ್ತನಾಲ್ಕರಲ್ಲಿ, ನಮ್ಮ ದಡಿ ನಮ್ಮ ಮಗ್ಗದಿಂದ ಇಳಿಯುವ ಮೊದಲೇ ಬೇರೆಯವರ ಸೀರೆಯ ಮೇಲೆ ಪೇಟೆಯಲ್ಲಿ ನೇತಾಡಿತ್ತು. ಯಾರು ಕದ್ದರೋ ತಿಳಿಯಲಿಲ್ಲ. ವ್ಯಾಪಾರಿ ನಮ್ಮ ಸೀರೆಯನ್ನು ತಿರುವಿ ನೋಡಿ, "ನಕಲು ಮಾಡಾಕ ಸುರು ಮಾಡಿದ್ಯಾ ಬಸಲಿಂಗಪ್ಪಾ?" ಎಂದಿದ್ದ. ಅಂದು ಅಪ್ಪ ಊಟ ಮಾಡಲಿಲ್ಲ. ಈ ವರ್ಷದ ಹೊಸ ದಡಿ ಮನೆಯ ಮೂವರ ಹೊರತು ಯಾರೂ ನೋಡಬಾರದಿತ್ತು.

ಮರುದಿನ ಶೇಂಗಾ ತರಲು ಹೋದೆ. ಫಕೀರವ್ವ ಪೊಟ್ಟಣ ಕಟ್ಟಿಕೊಟ್ಟಳು. ಮನೆಗೆ ಬಂದು ಬಿಚ್ಚಿ ಶೇಂಗಾ ಡಬ್ಬಿಗೆ ಸುರಿದೆ. ಹಾಳೆಯ ತುಂಬ ಕರಿ ಚೌಕ, ಬಿಳಿ ಚೌಕ. ಮುಕ್ಕೋನದ ಒಂದು ದೊಡ್ಡ ಗುಡಿ, ಅದರೊಳಗೆ ಮೂರು ಸಣ್ಣ ಗುಡಿ, ಅವುಗಳೊಳಗೆ ಇನ್ನೂ ಸಣ್ಣವು. ನಮ್ಮ ಹೊಸ ದಡಿ!

ತಿರುಗಿ ಅಂಗಡಿಗೆ ಓಡಿದೆ.

"ಈ ಹಾಳಿ ಎಲ್ಲೀದು ಅತ್ತಿ?"

"ಮಾಸ್ತರಂದು. ದಿನಾ ಒಂದು ಹೊರಿ ಬರದು ಒಗೀತಾನ. ನಾ ಸಾಮಾನು ಕಟ್ಟಾಕ ತುಗೋತೀನಿ." ಫಕೀರವ್ವ ಎಲೆ ಅಡಿಕೆ ಬಾಯಿಗೆ ಹಾಕಿಕೊಂಡಳು. "ಗಣಿತ ಅಂತಾನ. ಒಂದರೆ ಅಂಕಿ ಐತೇನು ನೋಡು. ಅಂಕಿ ಇಲ್ಲದ ಗಣಿತ ಯಾವೂರಿಂದವ್ವಾ?"

ಅಪ್ಪನಿಗೆ ಹೇಳಿದರೆ ಆ ಕ್ಷಣವೇ ಆತನ ಹಾಸಿಗೆ ಓಣಿಗೆ ಬೀಳುತ್ತಿತ್ತು. ಬಾಯಿತನಕ ಬಂದ ಮಾತನ್ನು ಹಿಡಿದೆ. ಯಾಕೆ ಹಿಡಿದೆ ಎಂದು ನನ್ನನ್ನೇ ಕೇಳಿಕೊಳ್ಳಲಿಲ್ಲ. ಮೊದಲು ಖಾತ್ರಿಯಾಗಲಿ ಎಂದುಕೊಂಡೆ.

ಅದಕ್ಕೊಂದು ಬಲೆ ಹೂಡಿದೆ. ಹಳೆಯ ರಟ್ಟಿನಲ್ಲಿ ದಡಿಯ ಪಟ್ಟಿಗಳನ್ನು ಇನ್ನೊಮ್ಮೆ ಮಾಡಿ, ಒಂದರಲ್ಲಿ ಇರಬಾರದ ಕಡೆ ಒಂದು ತೂತು ಹೊಡೆದೆ. ಏಳು ವರ್ಷದಲ್ಲಿ ಬೇಕೆಂದು ಹೊಡೆದ ಮೊದಲ ತಪ್ಪು ತೂತು. ಹೊಲಿದ ಪಟ್ಟಿಗಳ ಸರವನ್ನು ಕಿಟಕಿಗೆ ತೂಗುಹಾಕಿದೆ. ಹಿತ್ತಲ ಬಾಗಿಲ ಬೆಳಕು ತೂತುಗಳಿಂದ ಹಾಯ್ದು ಓಣಿಗೆ ಬೀಳುತ್ತಿತ್ತು. ಆತನ ಹಾಳೆಯಲ್ಲಿ ಆ ತಪ್ಪು ಚುಕ್ಕಿ ಕಂಡರೆ ಕಳ್ಳ ಸಿಕ್ಕಂತೆ.

ದಿನವೂ ಶೇಂಗಾ ತಂದೆ. ಮೂರನೆಯ ದಿನದ ಪೊಟ್ಟಣದಲ್ಲಿ ಚುಕ್ಕಿ ಇತ್ತು. ಮೂರನೆಯ ಗುಡಿಯ ಬುಡದಲ್ಲಿ, ನಾನು ಹೊಡೆದಲ್ಲೇ.

ಸಿಕ್ಕ, ಎಂದುಕೊಂಡೆ. ಆದರೆ ಖುಷಿಯಾಗಲಿಲ್ಲ.

ಮತ್ತೆ ನೋಡಿದೆ. ನನ್ನ ಪಟ್ಟಿಗಳಲ್ಲಿ ತಪ್ಪು ಚುಕ್ಕಿ ಒಂದೇ. ಅದರ ಕೆಳಗಿನ ಸಾಲುಗಳೆಲ್ಲ ಸರಿಯಾಗಿದ್ದವು. ಆತನ ಹಾಳೆಯಲ್ಲಿ ಹಾಗಿರಲಿಲ್ಲ. ಚುಕ್ಕಿಯ ಕೆಳಗಿನ ಸಾಲಿನಲ್ಲಿ ಎರಡು ಕಡೆ ಗೆರೆ ಕೆಟ್ಟಿತ್ತು. ಅದರ ಕೆಳಗೆ ಇನ್ನೂ ಅಗಲಕ್ಕೆ. ನೀರಿಗೆ ಬಿದ್ದ ಶಾಯಿಯ ಹಾಗೆ ತಪ್ಪು ಹರಡಿಕೊಂಡು ಹೋಗಿತ್ತು.

ನಕಲು ಮಾಡುವವನು ಹೀಗೆ ಯಾಕೆ ಮಾಡುತ್ತಾನೆ?

ಮಧ್ಯಾಹ್ನ ನೆಲದ ಮೇಲೆ ಸುಣ್ಣದ ಖಡುವಿನಿಂದ ಚೌಕ ಬರೆದು ಹುಣಸೆ ಬೀಜ ಇಡುತ್ತ ಕೂತೆ. ಕರಿ ಚೌಕಕ್ಕೆ ಬೀಜ, ಬಿಳಿ ಚೌಕ ಖಾಲಿ. ಅವ್ವ ಪಕ್ಕದಿಂದ ಹಾದು ಹೋಗುತ್ತ, "ಮದುವಿ ವಯಸ್ಸಿನ್ಯಾಗ ಚೌಕಾಬಾರಾ ಆಡಾಕ ಹತ್ತಿಯೇನ?" ಎಂದಳು. ನಾನು ಹೂಂ ಎಂದೆ. ರೊಟ್ಟಿ ಬಡಿಯುವ ಹೊತ್ತಿಗೆ ತಿಳಿದುಹೋಯಿತು. ಆ ಹಾಳೆಯ ಸಾಲುಗಳನ್ನು ಯಾರೂ ಎಲ್ಲಿಂದಲೂ ತಂದಿರಲಿಲ್ಲ. ಒಂದೊಂದು ಸಾಲೂ ತನ್ನ ಮೇಲಿನ ಸಾಲಿನಿಂದಲೇ ಹುಟ್ಟಿತ್ತು.

ಶನಿವಾರ ಮಧ್ಯಾಹ್ನ ಅಂಗಡಿಗೆ ಹೋದಾಗ ಹಣದ ಗಲ್ಲೆಯ ಮುಂದೆ ಆತನೇ ಕೂತಿದ್ದ. ನನ್ನನ್ನು ಕಂಡು ಎದ್ದು ನಿಂತ. ಹತ್ತಿರದಿಂದ ನೋಡಿದ್ದು ಅದೇ ಮೊದಲು. ಬಲಗೈಯ ಬೆರಳುಗಳಿಗೆಲ್ಲ ಪೆನ್ಸಿಲಿನ ಮಸಿ.

"ಫಕೀರವ್ವ ಊಟಕ್ಕ ಹೋಗ್ಯಾಳ್ರಿ. ನಾನು ಅಂಗಡಿ ಕಾಯಾಕತ್ತೀನಿ. ಏನ್ ಬೇಕಾಗಿತ್ತು?"

"ಹಾಳಿ."

"ಯಾವ ಹಾಳಿ?"

"ಶೇಂಗಾ ಕಟ್ಟೂದು."

"ಶೇಂಗಾ ಬ್ಯಾಡೇನ್ರಿ?"

"ಶೇಂಗಾ ಮನ್ಯಾಗ ಡಬ್ಬಿ ತುಂಬ್ಯಾವ."

ಅಂದಮೇಲೆ ನಾಲಿಗೆ ಕಚ್ಚಿಕೊಂಡೆ. ಆತನ ತುಟಿಯ ಒಂದು ತುದಿ ಮಾತ್ರ ನಕ್ಕಿತು. ಇನ್ನೊಂದು ತುದಿ ಧೈರ್ಯ ಸಾಲದೆ ನಿಂತಿತು.

ಸೆರಗಿನೊಳಗಿನ ಹಾಳೆಯನ್ನು ತೆಗೆದು ಗಲ್ಲೆಯ ಮೇಲೆ ಹರಡಿದೆ. "ಇದು ನಮ್ಮ ದಡಿ ಅಂತ ತಿಳದಿದ್ದೆ. ಕದ್ದಿದ್ರ ಈ ಚುಕ್ಕಿ ಒಂದ ಇರತಿತ್ತು. ಇದು ಮರಿ ಹಾಕೇತಿ."

ನಗು ನಿಂತಿತು. "ಏನಂದ್ರಿ?"

"ಮ್ಯಾಲಿನ ಸಾಲಿನ್ಯಾಗ ಎಡಕ್ಕ ಒಂದು, ಬಲಕ್ಕ ಒಂದು ನೋಡೂದು. ಎರಡರಾಗ ಒಂದ ಕರಿ ಇದ್ದರ ಕೆಳಗ ಕರಿ. ಎರಡೂ ಕರಿ ಇದ್ದರ, ಎರಡೂ ಬಿಳಿ ಇದ್ದರ, ಕೆಳಗ ಬಿಳಿ. ಹೌದಲ್ರಿ?"

"ಯಾರ ಹೇಳಿದ್ರು ನಿಮಗ?"

"ಹುಣಸಿ ಬೀಜ."

ಆತ ಮೆಲ್ಲಗೆ ಕೂತುಬಿಟ್ಟ. "ನಮ್ಮ ಬಿ.ಎಸ್ಸಿ ಹುಡುಗರಿಗೆ ಇದು ತಿಳಿಯಾಕ ಎರಡ ದಿನ ಹಿಡಿದಿತ್ರಿ. ಇದ ನನ್ನ ಅಭ್ಯಾಸ. ಒಂದು ಸಣ್ಣ ನಿಯಮ ಇಟ್ಟು, ಒಂದೊಂದ ಹೆಜ್ಜಿ ಇಳಕೋತ ಹೋದ್ರ ಕಡೀಕ ಏನಾಗತೇತಿ ಅಂತ ನೋಡೂದು. ಒಂದ ಚುಕ್ಕಿಯಿಂದ ಸುರು ಮಾಡಿದ್ರ ತಾನ ಗುಡಿಯೊಳಗ ಗುಡಿ ಏಳತಾವ, ನಿಮ್ಮ ದಡಿ ಹಂಗ. ನಮ್ಮವ್ವ ಊರಾಗ ಕಂಬಳಿ ನೇಯ್ತಾಳ. ಮಗ್ಗದ ಸಪ್ಪಳ ಇದ್ದರ ನನಗ ತಲಿ ಓಡತೇತಿ. ಅದಕ್ಕ ಈ ಓಣಿಗೆ ಬಂದೆ."

"ಆದ್ರ ಚುಕ್ಕಿ ನಂದು. ಅದನ್ನ ಎಲ್ಲಿಂದ ತಂದ್ರಿ?"

ಆತನ ಕಿವಿ ಕೆಂಪಾದವು. "ನಿಮ್ಮ ಕೈ ಒಂದ ದಿನಾನೂ ತಪ್ಪಿದ್ದು ಕಂಡಿಲ್ಲ. ಅವತ್ತು ತಪ್ಪಿತ್ತು. ಬೇಕಂತ ಹೊಡದೀರಿ ಅನಸ್ತು, ಯಾರಿಗೋ ಏನೋ ಹೇಳಾಕ."

"ಕಳ್ಳಗ ಹೇಳಾಕ."

"ಅದು ತಿಳೀಲಿಲ್ರಿ. ಸುಮ್ಮ ಅದನ್ನ ಇಟ್ಟು ಏನಾಗತೇತಿ ನೋಡೂಣು ಅಂದೆ. ಆ ಹಾಳಿ ನಿಮಗ ಕಟ್ಟಿಕೊಡು ಅಂತ ಫಕೀರವ್ವಗ ನಾನ ಹೇಳಿದ್ದೆ."

ಮಾತು ಸವಿಯಾಗಿತ್ತು. ಸವಿ ಮಾತು ಕೇಳಿದರೆ ನನಗೆ ಅನುಮಾನ ಇನ್ನಷ್ಟು ಹೆಚ್ಚುತ್ತದೆ.

"ನೇಯ್ದದ್ದು ತಪ್ಪಾದ್ರ ನಾವು ಒಂದೊಂದ ಸಾಲು ಹಿಂದಕ್ಕ ಬಿಚ್ಚತೀವಿ. ಇದನ್ನ ಬಿಚ್ಚಾಕ ಬರತೇತೇನು? ಕೆಳಗಿನ ಸಾಲು ನೋಡಿ ಮ್ಯಾಲ ಏನಿತ್ತು ಅಂತ ಹೇಳಾಕ?"

"ಬರಂಗಿಲ್ರಿ. ಹಾಳಿ ಸುತ್ತಿ ಎರಡೂ ತುದಿ ಕೂಡಸ್ರಿ, ನಿಮ್ಮ ಬಳಿ ಹಂಗ." ಎಂದವನು ನನ್ನ ಬಳೆ ನೋಡಿ ಕಣ್ಣು ಕೆಳಗಿಳಿಸಿದ. "ಒಂದ ಸಾಲಿನ್ಯಾಗ ಕರೀದೆಲ್ಲ ಬಿಳಿ, ಬಿಳೇದೆಲ್ಲ ಕರಿ ಮಾಡ್ರಿ. ಪೂರಾ ಉಲ್ಟಾ. ಆದ್ರೂ ಕೆಳಗ ಹುಟ್ಟೂದು ಅದ ಸಾಲು."

"ಅಂದ್ರ ಕಳ್ಳ ಇದ್ದರೂ, ಸಾಚಾ ಇದ್ದರೂ, ನೋಡಾಕ ಒಂದ ನಮೂನಿ."

ಆತ ಹಾಳೆ ಮಡಚಿ ನನ್ನ ಕಡೆ ಸರಿಸಿದ. "ಹೌದ್ರಿ," ಎಂದ. "ನಾ ಏನ್ ಹೇಳಿದ್ರೂ ನಿಮಗ ಖಾತ್ರಿ ಆಗಂಗಿಲ್ಲ."

ಬೇರೆ ಯಾರಾದರೂ ಆಣೆ ಮಾಡುತ್ತಿದ್ದರು. ಆತ ಮಾಡಲಿಲ್ಲ. ಅದೊಂದು ನನ್ನ ಮನಸ್ಸಿನಲ್ಲಿ ನಿಂತಿತು.

"ನಿಮ್ಮ ದಡಿ ಹದಿನಾರು ಎಳಿ ಅಗಲ ಅಲ್ಲೇನ್ರಿ? ಹದಿನಾರು ಚೌಕದ ಬಳಿ ಮಾಡ್ರಿ. ಹೆಂಗರೆ ಸುರು ಮಾಡ್ರಿ, ಎಂಟು ಸಾಲು ಇಳಿಯೂದ್ರಾಗ ಒಂದೂ ಕರಿ ಉಳಿಯಂಗಿಲ್ಲ. ಎಲ್ಲಾ ಸಾಯ್ತಾವ."

"ಸುಳ್ಳು."

"ನನ್ನ ನಂಬಬ್ಯಾಡ್ರಿ. ಬೀಜಕ್ಕ ಕೇಳ್ರಿ. ಆಮ್ಯಾಲ ಒಂದ ಚೌಕ ಹೆಚ್ಚು ಮಾಡಿ ನೋಡ್ರಿ, ಹದಿನೇಳು. ಬರೇ ಒಂದ ಚುಕ್ಕಿ ಇಟ್ಟು ಬಿಡ್ರಿ." ಚೀಲ ಹೆಗಲಿಗೇರಿಸಿದ. "ಸಂಜಿ ಲೋಂಡಾ ಗಾಡಿಗೆ ಖಾನಾಪುರಕ್ಕ ಹೊಂಟೀನಿ. ಸೋಮವಾರ ಬರ್ತೀನಿ. ಏನಾತು ಹೇಳ್ರಿ."

ರವಿವಾರ ಹದಿನಾರನ್ನು ನಾಲ್ಕು ಸಲ ಬೇರೆ ಬೇರೆ ರೀತಿ ಇಟ್ಟೆ. ನಾಲ್ಕು ಸಲವೂ ಎಂಟನೆಯ ಸಾಲಿಗೆ ನೆಲ ಖಾಲಿ. ಆಮೇಲೆ ಹದಿನೇಳು ಬರೆದು, ನಡುವೆ ಒಂದು ಬೀಜ ಇಟ್ಟೆ. ಅದರ ಕೆಳಗಿನ ಮೊದಲ ಸಾಲಿನಲ್ಲಿ ಎರಡು ಬೀಜ. ಎಂಟು ದಾಟಿತು, ಹತ್ತು ದಾಟಿತು. ಸಾಯಲಿಲ್ಲ. ಹದಿನಾರನೆಯ ಸಾಲಿನಲ್ಲಿ ಮತ್ತೆ ಅವೇ ಎರಡು, ಅದೇ ಜಾಗದಲ್ಲಿ, ನಡುವೆ ಒಂದು ಚೌಕದ ಅಂತರ ಬಿಟ್ಟು ಬಂದು ಕೂತವು. ಯಾರೋ ಹೋಗಿ ತಿರುಗಿ ಬಂದ ಹಾಗೆ.

ಸೋಮವಾರ ಬೆಳಿಗ್ಗೆ ಅವ್ವ ಚಟ್ನಿಗೆಂದು ಶೇಂಗಾದ ಡಬ್ಬಿಗೆ ಕೈ ಹಾಕಿದಳು. ತಳದಲ್ಲಿ ನಾನು ಮಡಚಿಟ್ಟಿದ್ದ ಹಾಳೆಗಳು ಮೇಲೆ ಬಂದವು.

ಅಪ್ಪ ಹಾಳೆಯನ್ನು ಬೆಳಕಿಗೆ ಹಿಡಿದ. ಹೊರಗೆ ಹೋಗಿ, ಓಣಿಯ ಹಿರಿಯ ಚನ್ನಬಸಯ್ಯ ಕಾಕಾನನ್ನು ಕರೆತಂದ. ಇಬ್ಬರೂ ಬಾಗಿಲಲ್ಲಿ ನಿಂತರು. ಸ್ಟೇಶನ್ ಕಡೆಯಿಂದ ಆತ ಬಂದ, ಹೆಗಲಿಗೆ ಚೀಲ, ಕೈಯಲ್ಲಿ ಹಪ್ಪಳದ ಗಂಟು.

"ಇದೇನ್ರಿ ಮಾಸ್ತರ?" ಅಪ್ಪ ಹಾಳೆಯನ್ನು ಮುಂದೆ ಹಿಡಿದ. "ಖೋಲಿ ಹಿಡಿದದ್ದು ಇದಕ್ಕೇನು?"

"ಕಲಿತಾಂವ ಇವ," ಎಂದ ಕಾಕಾ. "ಕಲಿತ ಕಳ್ಳ ಮನಿ ಗ್ವಾಡಿ ಒಡಿಯಂಗಿಲ್ಲ, ಕಿಡಕಿ ಹಾಯ್ತಾನ."

ಆತ ಬಾಯಿ ತೆರೆದ. ನನ್ನ ಕಡೆ ನೋಡಿ ಮುಚ್ಚಿದ. ಅಂಗಡಿಯಲ್ಲಿ ನಾನು ನಿಂತು ಮಾತಾಡಿದ್ದನ್ನು ಹೇಳದೆ ಆತ ಬಿಡಿಸಿಕೊಳ್ಳುವಂತಿರಲಿಲ್ಲ. ಹೇಳಲಿಲ್ಲ.

ಗಂಡಸರ ಮುಂದೆ ನಾನು ಎಂದೂ ಮಾತಾಡಿದವಳಲ್ಲ. ಅಂದು ನನ್ನ ದನಿ ನನಗೇ ಬೇರೆಯವರದು ಎನಿಸಿತು.

"ಆ ತಪ್ಪು ಚುಕ್ಕಿ ನಾನು ಹೊಡದದ್ದು, ಅಪ್ಪಾ. ಬೇಕಂತ. ಕಳ್ಳನ್ನ ಹಿಡಿಯಾಕ."

ಅಪ್ಪ ತಿರುಗಿ ನೋಡಿದ. ಹಾಳೆಗಿಂತ ಈ ಮಾತೇ ಅವನಿಗೆ ಹೆಚ್ಚು ನಾಟಿತ್ತು. "ನಿನ್ನ ಕೈ..." ಎಂದ.

ನಾನು ಹೊಸ್ತಿಲ ಒಳಗೆ ಕೂತು, ಹದಿನಾರು ಚೌಕ ಬರೆದು ಬೀಜ ಇಟ್ಟೆ. ಎಡಕ್ಕೆ ನೋಡುವುದು, ಬಲಕ್ಕೆ ನೋಡುವುದು, ಹೇಳುತ್ತ ನಾಲ್ಕು ಸಾಲು ಇಳಿದೆ. ಅಪ್ಪ ನಿಂತೇ ನೋಡುತ್ತಿದ್ದ. ಐದನೆಯ ಸಾಲಿಗೆ ಕುಕ್ಕರಗಾಲಲ್ಲಿ ಕೂತ. ಆರನೆಯದನ್ನು ತಾನೇ ಇಟ್ಟ, ಒಂದೂ ತಪ್ಪದೆ. ನಲವತ್ತು ವರ್ಷ ಸಾಲಿನ ಕೆಳಗೆ ಸಾಲು ಹಾಕಿದ ಕೈ ಅದು. ಹಾಳೆಯನ್ನು ಬೀಜಗಳ ಪಕ್ಕ ಇಟ್ಟು, ಬೆರಳಿಟ್ಟು, ಕೆಳತನಕ ಓದಿದ.

"ಇದು ನನ್ನ ದಡಿ ಅಲ್ಲ," ಎಂದ. "ಇದು ತಾನ ಹುಟ್ಟಿದ್ದು."

ಕಾಕಾ ಗಂಟಲು ಸರಿಪಡಿಸಿಕೊಂಡ. ನನ್ನ ಎದೆ ಹಗುರಾಗುವಷ್ಟರಲ್ಲಿ ಅಪ್ಪ ಎದ್ದು ನಿಂತ.

"ದಡಿ ಕದಿಯಾಕ ಅಲ್ಲ ಅಂದ್ರ, ಮಾಸ್ತರ, ಮೂರು ತಿಂಗಳಿಂದ ಆ ಕಿಡಕ್ಯಾಗ ಏನ್ ನೋಡಾಕ ನಿಂತಿದ್ರಿ?"

ಗಣಿತ ಎನ್ನಬಹುದಿತ್ತು. ಅದು ಸುಳ್ಳೂ ಆಗುತ್ತಿರಲಿಲ್ಲ. ಆತ ಹಪ್ಪಳದ ಗಂಟನ್ನು ಒಂದು ಕೈಯಿಂದ ಇನ್ನೊಂದಕ್ಕೆ ಬದಲಿಸಿದ.

"ಇವರ ಕೈ ನೋಡ್ತಿದ್ದೆ," ಎಂದ. "ಮೊದಲು ಕೆಲಸ ನೋಡಾಕ. ಆಮ್ಯಾಲ... ಬರೇ ಕೈ."

ಅಪ್ಪ ಆತನ ಮುಖದಲ್ಲಿ ಸುಳ್ಳನ್ನು ಹುಡುಕಿದ, ಮೊದಲ ದಿನದಿಂದ ನಾನು ಹುಡುಕಿದ ಹಾಗೆಯೇ. ಅವ್ವ ಒಳಬಾಗಿಲಲ್ಲಿ ಸೆರಗು ಕಚ್ಚಿ ನಿಂತಿದ್ದಳು. ಎದುರಿಗೆ ಫಕೀರವ್ವನ ತಕ್ಕಡಿ ತೂಗುವ ನಡುವೆಯೇ ನಿಂತಿತ್ತು. ನನಗೂ ಖಾತ್ರಿ ಇರಲಿಲ್ಲ; ಕೆಳಗಿನ ಸಾಲಿನಲ್ಲಿ ನಿಂತು ಮೇಲಿನದನ್ನು ಹೇಳಲು ಯಾರಿಗೆ ಬರುತ್ತದೆ? ನೆಲದ ಮೇಲೆ ಹದಿನಾರು ಚೌಕ ಇದ್ದವು. ಖಡು ತೆಗೆದು ಪಕ್ಕಕ್ಕೆ ಇನ್ನೊಂದು ಚೌಕ, ಹದಿನೇಳನೆಯದನ್ನು, ಬರೆದೆ. ಆತ ಅದನ್ನು ಕಂಡ. ಬೇರೆ ಯಾರಿಗೂ ತಿಳಿಯಲಿಲ್ಲ.

"ಅಪ್ಪಾ, ಅವರನ್ನ ಒಳಗ ಕರಿ," ಎಂದೆ.

ಅಪ್ಪ ನನ್ನತ್ತ ತಿರುಗಲಿಲ್ಲ. ಕಾಕಾ ಚಪ್ಪಲಿ ನೋಡಿಕೊಂಡ. ದೂರದ ಮನೆಯಲ್ಲೊಂದು ಮಗ್ಗ ಶುರುವಾಗಿ ಮತ್ತೆ ನಿಂತಿತು. ಆತ ಹೊಸ್ತಿಲ ಆಚೆ, ಬಿಸಿಲಲ್ಲಿ, ಚೀಲ ಇಳಿಸದೆ ನಿಂತೇ ಇದ್ದ.

"ಅಪ್ಪಾ, ಅವರಿಗೆ ಒಳಗ ಬಂದು ಕುಂದ್ರಾಕ ಹೇಳು."